ಮರಗಿವಿರಿನ ಸೀಗಡಿಗಳು

ಪ್ರಾಣಿಶಾಸ್ತ್ರವನ್ನು ಅಭ್ಯಾಸಮಾಡುವ ವಿದ್ಯಾರ್ಥಿಗಳಿಂದ ನಾವು ಪದೇ ಪದೇ ಕೇಳುವ ದೂರು ಒಂದುಂಟು: ಈ ಶಾಸ್ತ್ರದಲ್ಲಿ ಪ್ರಾಣಿಗಳಿಗಿಂತ ಹೆಸರುಗಳೇ ಹೆಚ್ಚು ಎಂಬುದು. ಗ್ರೀಕ್ ಮತ್ತು ಲ್ಯಾಟಿನ್ ಭಾಷೆಗಳಿಂದ ಬಂದ, ನಾಲಗೆಗೆ ಒಗ್ಗದ ಪದಗಳನ್ನು ಪರೀಕ್ಷೆಯ ಹಿಂದಿನ ರಾತ್ರಿ ಬಾಯಿಪಾಠ ಮಾಡಿ, ಪರೀಕ್ಷೆ ಮುಗಿದ ಮರುದಿನ ಮರೆತುಬಿಡುವುದು ವಾಡಿಕೆಯಾಗಿ ಹೋಗಿದೆ. ಈ ದೂರಿನಲ್ಲಿ ಸತ್ಯಾಂಶವಿಲ್ಲವೆಂದು ನಾವು ಹೇಳಲಾರೆವು. ಆದರೆ ದೋಷ ಹೆಸರಿನದೋ ಅದನ್ನು ಕಲಿಸುವ ಕ್ರಮದ್ದೋ ಎಂಬುದನ್ನು ಸ್ವಲ್ಪ ವಿಚಾರಮಾಡಬೇಕಾಗಿದೆ.

ಉದಾಹರಣೆಗೆ 'ಡೆಂಡ್ರೊಬ್ರಾಂಕಿಯೇಟ' ಎಂಬ ಪದವನ್ನೇ ತೆಗೆದುಕೊಳ್ಳೋಣ. ಕೇಳಿದೊಡನೆ ಬೆದರಿಸುವ ಹೆಸರಿದು. ಆದರೆ ಇದು ಸೂಚಿಸುವ ಪ್ರಾಣಿಗಳು ಕಾರವಾರದಿಂದ ಮಂಗಳೂರಿನವರೆಗೆ ಪ್ರತಿಯೊಂದು ಮೀನುಪೇಟೆಯಲ್ಲಿಯೂ ರಾಶಿ ಬಿದ್ದಿರುತ್ತವೆ. ಕನ್ನಡದಲ್ಲಿ ಸೀಗಡಿ, ತುಳುವಿನಲ್ಲಿ ಎಟ್ಟಿ, ಕೊಂಕಣಿಯಲ್ಲಿ ಸುಂಗಟ ಎಂದು ಕರೆಯಲ್ಪಡುವ ಜೀವಿಗಳಲ್ಲಿ ಕಡಲಿನಿಂದ ಬರುವವುಗಳ ಬಹುಭಾಗ ಈ ಗುಂಪಿಗೆ ಸೇರಿದವು. ಈ ಹೆಸರಿನ ಅರ್ಥವನ್ನು ಚೆನ್ನಾಗಿ ಬಲ್ಲವರು, ಆ ಪ್ರಾಣಿಯನ್ನು ಅಳಿಯದಂತೆ ಉಳಿಸಿಕೊಳ್ಳುವ ಬಗೆಯನ್ನೂ ಬಲ್ಲವರಾಗುತ್ತಾರೆಂಬುದು ನಮ್ಮ ಅಭಿಪ್ರಾಯ. ಕಿವಿರಿಗೂ ಮೀನುಗಾರಿಕೆಗೂ ಎತ್ತಣ ಸಂಬಂಧವೆಂದು ವಾಚಕರು ಕೇಳಬಹುದು. ಅದನ್ನೇ ಮುಂದೆ ವಿವರಿಸುವೆವು.

ಗ್ರೀಕ್ ಭಾಷೆಯಲ್ಲಿ 'ಡೆಂಡ್ರಾನ್' ಎಂದರೆ ಮರ. 'ಬ್ರಾಂಕಿಯ' ಎಂದರೆ ಕಿವಿರು. ಮರದಂತೆ ಕವಲೊಡೆದ ಕಿವಿರುಗಳುಳ್ಳವು ಎಂಬುದೇ ಹೆಸರಿನ ತಾತ್ಪರ್ಯ. ಇದನ್ನು 'ವೃಕ್ಷಕಿವಿರು' ಎಂದು ಕನ್ನಡಿಸಿದರೆ ಸಂಸ್ಕೃತ ಪದವೂ ಕನ್ನಡ ಪದವೂ ಬೆರೆತು ಅರಿಸಮಾಸವಾಗುತ್ತದೆಂದು ನಮ್ಮ ವೈಯಾಕರಣರು ಆಕ್ಷೇಪಿಸಿಯಾರು. ಮಳೆ ಮತ್ತು ಕಾಲ ಸೇರಿ ಮಳೆಗಾಲವಾಗುವಂತೆ, ಮರ ಮತ್ತು ಕಿವಿರು ಸೇರಿ 'ಮರಗಿವಿರು' ಆಗಲಿ. ಆಗ ಈ ಪ್ರಾಣಿಗಳು ಮರಗಿವಿರಿನ ಸೀಗಡಿಗಳು. ಶಾಸ್ತ್ರೀಯ ನಾಮವನ್ನು ಕೈಬಿಡಬೇಕೆಂದು ನಮ್ಮ ಸೂಚನೆಯಲ್ಲ. ಜಗತ್ತಿನ ವಿಜ್ಞಾನಿಗಳೆಲ್ಲರೂ ಒಂದೇ ಹೆಸರನ್ನು ಬಳಸುವುದರಿಂದ ಆಗುವ ಅನುಕೂಲ ದೊಡ್ಡದು. ಅದರ ಪಕ್ಕದಲ್ಲಿ ಅರ್ಥ ಹೊಳೆಯುವ ಕನ್ನಡದ ಮಾತೊಂದಿದ್ದರೆ, ಕಲಿಯುವವರಿಗೆ ಗ್ರೀಕ್ ಪದವೂ ತಾನಾಗಿ ನೆನಪಿನಲ್ಲಿ ಉಳಿಯುತ್ತದೆ.

ಇನ್ನು ಕಿವಿರನ್ನೇ ನೋಡೋಣ. ಸೀಗಡಿಯ ತಲೆ ಮತ್ತು ಎದೆಯ ಭಾಗವನ್ನು ಒಂದೇ ಚಿಪ್ಪು ಮುಚ್ಚಿಕೊಂಡಿದೆ. ಈ ಚಿಪ್ಪು ಎರಡು ಪಕ್ಕಗಳಲ್ಲಿ ಕೆಳಗಿಳಿದು, ಕಾಲುಗಳ ಬುಡದ ಮೇಲೆ ಒಂದೊಂದು ಕೋಣೆಯನ್ನು ನಿರ್ಮಿಸುತ್ತದೆ. ಕಿವಿರುಗಳಿರುವುದು ಅಲ್ಲಿ. ಬಾಯಿಯ ಬಳಿಯ ಉಪಾಂಗವೊಂದು ದೋಣಿಯ ಹುಟ್ಟಿನಂತೆ ಸದಾ ಬಡಿಯುತ್ತ ಕೋಣೆಯೊಳಗೆ ನೀರು ಹರಿಯುವಂತೆ ಮಾಡುತ್ತಿರುತ್ತದೆ. ನೀರಿನಲ್ಲಿ ಕರಗಿರುವ ಆಮ್ಲಜನಕ ಕಿವಿರಿನ ತೆಳುಪೊರೆಯ ಮೂಲಕ ರಕ್ತವನ್ನು ಸೇರುತ್ತದೆ. ಸೀಗಡಿಯ ರಕ್ತದಲ್ಲಿ ಆಮ್ಲಜನಕವನ್ನು ಹೊರುವುದು ಕಬ್ಬಿಣವುಳ್ಳ ಹೀಮೋಗ್ಲೋಬಿನ್ ಅಲ್ಲ, ತಾಮ್ರವುಳ್ಳ ಹೀಮೋಸಯಾನಿನ್. ಪೊರೆಯ ವಿಸ್ತಾರ ಹೆಚ್ಚಿದಷ್ಟೂ ಉಸಿರಾಟ ಸುಗಮ. ಚಿಕ್ಕ ಕೋಣೆಯಲ್ಲಿ ಹೆಚ್ಚು ವಿಸ್ತಾರವನ್ನು ಅಡಕಮಾಡುವ ಈ ಸಮಸ್ಯೆಗೆ ದಶಪಾದಿಗಳಲ್ಲಿ, ಎಂದರೆ ಸೀಗಡಿ, ಏಡಿ ಮೊದಲಾದ ಹತ್ತು ಕಾಲಿನ ಕಠಿಣಚರ್ಮಿಗಳಲ್ಲಿ, ಪ್ರಕೃತಿ ಮೂರು ಬಗೆಯ ಪರಿಹಾರಗಳನ್ನು ಕಂಡುಕೊಂಡಿದೆ. ಏಡಿಗಳಲ್ಲಿಯೂ ಹೊಳೆಯ ಸೀಗಡಿಗಳಲ್ಲಿಯೂ ಕಿವಿರಿನ ನಡುದಂಡದ ಎರಡು ಪಕ್ಕಗಳಲ್ಲಿ ಚಪ್ಪಟೆಯಾದ ಹಾಳೆಗಳು ಪುಸ್ತಕದ ಪುಟಗಳಂತೆ ಜೋಡಿಸಲ್ಪಟ್ಟಿವೆ. ಇದನ್ನು ಎಲೆಗಿವಿರು ಎನ್ನಬಹುದು. ದೊಡ್ಡ ಲಾಬ್‌ಸ್ಟರುಗಳಲ್ಲಿ ನಡುದಂಡದ ಸುತ್ತ ಕವಲಿಲ್ಲದ ಎಳೆಗಳು ಕುಂಚದಂತೆ ನಿಂತಿವೆ, ಅದು ಎಳೆಗಿವಿರು. ನಮ್ಮ ಕಡಲ ಸೀಗಡಿಗಳಲ್ಲಿಯಾದರೋ ದಂಡದಿಂದ ಕೊಂಬೆ, ಕೊಂಬೆಯಿಂದ ರೆಂಬೆ, ರೆಂಬೆಯಿಂದ ಕಿರುರೆಂಬೆ ಹೀಗೆ ಒಡೆಯುತ್ತ ಹೋಗುತ್ತದೆ. ಇದೇ ಮರಗಿವಿರು.

ಈ ವ್ಯತ್ಯಾಸವನ್ನು ಗುರುತಿಸಿ ಹೆಸರಿಟ್ಟವರು ಇಂಗ್ಲೆಂಡಿನ ಚಾರ್ಲ್ಸ್ ಸ್ಪೆನ್ಸ್ ಬೇಟ್. ಅವರು ವೃತ್ತಿಯಿಂದ ದಂತವೈದ್ಯರು. 1872ರಿಂದ 1876ರವರೆಗೆ ಜಗತ್ತಿನ ಸಾಗರಗಳನ್ನು ಸುತ್ತಿದ 'ಚಾಲೆಂಜರ್' ಎಂಬ ಹಡಗು ತಂದ ಸೀಗಡಿಗಳನ್ನು ಪರಿಶೀಲಿಸಿ, 1888ರಲ್ಲಿ ಪ್ರಕಟಿಸಿದ ಬೃಹತ್ ವರದಿಯಲ್ಲಿ ಈ ಹೆಸರನ್ನು ಬಳಕೆಗೆ ತಂದರು. ಆದರೆ ಆ ಕಾಲದಲ್ಲಿ ಇನ್ನೊಂದು ವಿಂಗಡಣೆಗೆ ಹೆಚ್ಚು ಮನ್ನಣೆಯಿತ್ತು. 1880ರಲ್ಲಿ ಬೋಆಸ್ ಎಂಬ ಡೆನ್ಮಾರ್ಕಿನ ವಿದ್ವಾಂಸರು ದಶಪಾದಿಗಳನ್ನು ಈಜುವವು, ನಡೆಯುವವು ಎಂದು ಎರಡಾಗಿ ವಿಭಾಗಿಸಿದ್ದರು. ಆ ಪ್ರಕಾರ ಎಲ್ಲ ಸೀಗಡಿಗಳೂ ಒಂದು ಕಡೆ, ಏಡಿ ಲಾಬ್‌ಸ್ಟರುಗಳು ಇನ್ನೊಂದು ಕಡೆ. 1963ರಲ್ಲಿ ಮಾರ್ಟಿನ್ ಬರ್ಕೆನ್‌ರೋಡ್ ಎಂಬ ಅಮೆರಿಕದ ವಿಜ್ಞಾನಿ ಈ ಗೆರೆಯನ್ನು ಅಳಿಸಿ ಹೊಸ ಗೆರೆಯನ್ನೆಳೆದರು. ಮರಗಿವಿರಿನ ಸೀಗಡಿಗಳು ಒಂದು ಉಪಗಣ; ಉಳಿದ ದಶಪಾದಿಗಳೆಲ್ಲವೂ ಮತ್ತೊಂದು. ಈ ಎರಡನೆಯದಕ್ಕೆ ಅವರಿಟ್ಟ ಹೆಸರು 'ಪ್ಲಿಯೊಸೈಮೇಟ'. ಉದರದ ಈಜುಗಾಲುಗಳಲ್ಲಿ ಮೊಟ್ಟೆಗಳನ್ನು ಹೊತ್ತು ಕಾಯುವುದು ಈ ಗುಂಪಿನ ಲಕ್ಷಣ. ಇದರಿಂದ ಒಂದು ಸೋಜಿಗದ ಸಂಗತಿ ಹೊರಬೀಳುತ್ತದೆ. ಹೊಳೆಯ ಸೀಗಡಿ ನೋಡಲು ಕಡಲ ಸೀಗಡಿಯಂತೆಯೇ ಇದ್ದರೂ, ರಕ್ತಸಂಬಂಧದಲ್ಲಿ ಅದು ಹೆಚ್ಚು ಹತ್ತಿರವಾಗಿರುವುದು ಏಡಿಗೆ!

ಇಲ್ಲಿಗೆ ನಾವು ವಿಷಯದ ತಿರುಳಿಗೆ ಬಂದೆವು. ಬೇಟ್ ನೋಡಿದ್ದು ಕಿವಿರನ್ನು, ಬರ್ಕೆನ್‌ರೋಡ್ ನೋಡಿದ್ದು ಮೊಟ್ಟೆಯನ್ನು. ಎರಡು ದಾರಿಗಳೂ ಒಂದೇ ಗಡಿಯನ್ನು ಮುಟ್ಟಿದವು. ಏಡಿ, ಲಾಬ್‌ಸ್ಟರು, ಹೊಳೆಯ ಸೀಗಡಿ ಇವುಗಳ ಹೆಣ್ಣು ಮೊಟ್ಟೆಗಳನ್ನು ಉದರದ ಅಡಿಯಲ್ಲಿ ಅಂಟಿಸಿಕೊಂಡು, ಮರಿ ಹೊರಬರುವವರೆಗೆ ಕಾಪಾಡುತ್ತದೆ. ಮರಗಿವಿರಿನ ಸೀಗಡಿ ಹಾಗೆ ಮಾಡುವುದಿಲ್ಲ. ಸಾಸುವೆಗಿಂತಲೂ ಎಷ್ಟೋ ಸಣ್ಣದಾದ ಮೊಟ್ಟೆಗಳನ್ನು ಅದು ಕಡಲ ನೀರಿನಲ್ಲಿಯೇ ಚೆಲ್ಲಿಬಿಡುತ್ತದೆ. ಹುಲಿಸೀಗಡಿಯೆಂದು ಪ್ರಸಿದ್ಧವಾದ ಪೀನಿಯಸ್ ಮಾನೊಡಾನ್ ಜಾತಿಯ ದೊಡ್ಡ ಹೆಣ್ಣು ಒಮ್ಮೆಗೆ ಲಕ್ಷಗಟ್ಟಲೆ ಮೊಟ್ಟೆಗಳನ್ನಿಡುತ್ತದೆ. ಒಂದು ದಿನ ಕಳೆಯುವುದರೊಳಗಾಗಿ ಅವು ಒಡೆದು, ಮೂರು ಜೊತೆ ಉಪಾಂಗಗಳುಳ್ಳ 'ನಾಪ್ಲಿಯಸ್' ಎಂಬ ಅತಿ ಸರಳವಾದ ಡಿಂಭ ಹೊರಬರುತ್ತದೆ. ಬ್ರೆಜಿಲಿನಲ್ಲಿ ನೆಲೆಸಿದ್ದ ಫ್ರಿಟ್ಸ್ ಮ್ಯುಲ್ಲರ್ ಈ ಡಿಂಭವನ್ನು ಗುರುತಿಸಿ, ಬೇರೆ ಕಠಿಣಚರ್ಮಿಗಳ ಡಿಂಭಕ್ಕೂ ಇದಕ್ಕೂ ಇರುವ ಹೋಲಿಕೆಯನ್ನು ಡಾರ್ವಿನ್ನನ ವಿಕಾಸವಾದಕ್ಕೆ ಆಧಾರವಾಗಿ 1864ರ ತಮ್ಮ ಗ್ರಂಥದಲ್ಲಿ ಮುಂದಿಟ್ಟರು. ಜಪಾನಿನ ಮೊತೊಸಾಕು ಫುಜಿನಾಗ 1934ರಲ್ಲಿ ಪೀನಿಯಸ್ ಜಪೋನಿಕಸ್ ಎಂಬ ಜಾತಿ ತಮ್ಮ ಪ್ರಯೋಗಶಾಲೆಯಲ್ಲಿಯೇ ಮೊಟ್ಟೆಯಿಡುವಂತೆ ಮಾಡಿ ಮರಿಗಳನ್ನು ಪಡೆದರು. 1942ರಲ್ಲಿ ಅದರ ಬೆಳವಣಿಗೆಯ ವಿವರಗಳನ್ನು ಪ್ರಕಟಿಸಿದರು. ಇಂದಿನ ಸೀಗಡಿ ಕೃಷಿಗೆಲ್ಲ ಅದೇ ತಳಹದಿ. ಆ ಜಾತಿಗೆ ಹೆಸರಿಟ್ಟವರೂ ಬೇಟ್ ಅವರೇ.

ನಿಯಮಕ್ಕೆ ಅಪವಾದವೂ ಉಂಟು. ತೆರೆದ ಕಡಲಿನಲ್ಲಿ ತೇಲಾಡುವ 'ಲ್ಯೂಸಿಫರ್' ಎಂಬ ಗಾಜಿನಂತಹ ಪುಟ್ಟ ಜೀವಿ ಮರಗಿವಿರಿನ ಗುಂಪಿಗೇ ಸೇರಿದ್ದು. ಆದರೆ ಅದಕ್ಕೆ ಕಿವಿರೇ ಇಲ್ಲ. ಮೊಟ್ಟೆಗಳನ್ನು ಅದು ಕೆಲಕಾಲ ಎದೆಯ ಕಾಲುಗಳಲ್ಲಿ ಹಿಡಿದುಕೊಂಡಿರುತ್ತದೆ. ಅದರ ಮೊಟ್ಟೆಯಿಂದಲೂ ನಾಪ್ಲಿಯಸ್ಸೇ ಹೊರಡುವುದರಿಂದ ವಂಶ ಯಾವುದೆಂಬುದು ಮರೆಯಾಗುವುದಿಲ್ಲ. ಒಂದೇ ಲಕ್ಷಣವನ್ನು ನೆಚ್ಚಿ ಕೂರಬಾರದೆಂಬ ಪಾಠವನ್ನು ಇದರಿಂದ ಕಲಿಯಬಹುದು.

ಈಗ ಸಂರಕ್ಷಣೆಯ ಮಾತು. ಮೊಟ್ಟೆ ಹೊತ್ತ ಪ್ರಾಣಿಯನ್ನು ಉಳಿಸುವುದು ಒಂದು ರೀತಿಯಲ್ಲಿ ಸುಲಭ. ತಾಯಿ ಕಣ್ಣಿಗೆ ಕಾಣುತ್ತಾಳೆ. ಅಮೆರಿಕದ ಮೇನ್ ಪ್ರಾಂತದಲ್ಲಿ ಮೊಟ್ಟೆ ಹೊತ್ತ ಲಾಬ್‌ಸ್ಟರು ಬಲೆಗೆ ಬಿದ್ದರೆ, ಅದರ ಬಾಲದ ಅಂಚಿನಲ್ಲಿ ಸಣ್ಣ ಕಚ್ಚೊಂದನ್ನು ಮಾಡಿ ಮತ್ತೆ ನೀರಿಗೆ ಬಿಡುತ್ತಾರೆ. ಆ ಗುರುತಿರುವ ಹೆಣ್ಣು ಮುಂದೆ ಮೊಟ್ಟೆಯಿಲ್ಲದಾಗ ಸಿಕ್ಕರೂ ಹಿಡಿಯುವಂತಿಲ್ಲ. ಮರಗಿವಿರಿನ ಸೀಗಡಿಗೆ ಇಂತಹ ಕಾನೂನಿನಿಂದ ಪ್ರಯೋಜನವೇನು? ಅದರ ತಾಯಿಯ ಮೈಮೇಲೆ ಮೊಟ್ಟೆಯ ಗೊಂಚಲೇ ಇರುವುದಿಲ್ಲ. ಬಲೆಯಲ್ಲಿ ಬಿದ್ದ ಸಾವಿರಾರು ಸೀಗಡಿಗಳಲ್ಲಿ ನಾಳೆ ಮೊಟ್ಟೆಯಿಡುವುದು ಯಾವುದೆಂದು ಆರಿಸಿ ಬಿಡುವುದು ಮೀನುಗಾರನಿಗೆ ಸಾಧ್ಯವಿಲ್ಲ. ಆದುದರಿಂದ ಈ ಪ್ರಾಣಿಯನ್ನು ಒಂದೊಂದಾಗಿ ಉಳಿಸಲಾಗುವುದಿಲ್ಲ; ಅದು ಬೆಳೆಯುವ ಕಾಲವನ್ನೂ ಸ್ಥಳವನ್ನೂ ಕಾಯಬೇಕು.

ಕಾಲವನ್ನು ಕಾಯುವ ಪ್ರಯತ್ನ ನಮ್ಮಲ್ಲಿ ನಡೆದಿದೆ. ಕರ್ನಾಟಕದ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ 61 ದಿನಗಳ ಕಾಲ ಯಾಂತ್ರಿಕ ಮೀನುಗಾರಿಕೆಗೆ ನಿಷೇಧವುಂಟು. ಇದು ಒಳ್ಳೆಯ ನಿಯಮ. ಆದರೆ ಬೇರೆ ಬೇರೆ ಜಾತಿಗಳು ಮೊಟ್ಟೆಯಿಡುವ ತಿಂಗಳುಗಳು ಬೇರೆ ಬೇರೆ. ಎರಡು ತಿಂಗಳ ಬಿಡುವಿನಿಂದಲೇ ಎಲ್ಲವೂ ಆಯಿತೆಂದು ತೃಪ್ತಿಪಡುವಂತಿಲ್ಲ. ಸ್ಥಳವನ್ನು ಕಾಯುವ ವಿಷಯದಲ್ಲಿಯಂತೂ ನಾವು ಬಹಳ ಹಿಂದೆ ಬಿದ್ದಿದ್ದೇವೆ. ಈ ಸೀಗಡಿಗಳಲ್ಲಿ ಅನೇಕ ಜಾತಿಗಳ ಮರಿಗಳು ಕಡಲಿನಲ್ಲಿ ಹುಟ್ಟಿ, ಕೆಲವು ವಾರಗಳಲ್ಲಿ ಭರತದ ನೀರಿನೊಡನೆ ಅಳಿವೆಗಳನ್ನು ಪ್ರವೇಶಿಸುತ್ತವೆ. ಕಾಂಡ್ಲಾಗಿಡಗಳ ಬೇರುಗಳ ನಡುವೆ, ಕೆಸರಿನ ಮೇಲೆ ಕೆಲವು ತಿಂಗಳು ಮೇದು ಬೆಳೆದು, ಮೊಟ್ಟೆಯಿಡಲು ಮತ್ತೆ ಕಡಲಿಗೆ ತೆರಳುತ್ತವೆ. ಕರಿಕ್ಕಾಡಿ ಸೀಗಡಿಯಂತೆ ಪೂರ್ಣವಾಗಿ ಕಡಲಿನಲ್ಲಿಯೇ ಬಾಳುವವೂ ಇವೆ. ಆದರೆ ಬಿಳಿಸೀಗಡಿ, ಹುಲಿಸೀಗಡಿ ಮೊದಲಾದ ಬೆಲೆಬಾಳುವ ಜಾತಿಗಳಿಗೆ ಅಳಿವೆಯೇ ತೊಟ್ಟಿಲು. ತಾಯಿ ಕೈಬಿಟ್ಟ ಮರಿಯನ್ನು ಸಾಕುವುದು ಅಳಿವೆ. ಅದನ್ನು ಮಣ್ಣಿನಿಂದ ತುಂಬಿದರೆ, ಕಾಂಡ್ಲಾವನ್ನು ಕಡಿದರೆ, ಕೊಳಚೆಯನ್ನು ಹರಿಯಬಿಟ್ಟರೆ, ಕಡಲಿನಲ್ಲಿ ಎಷ್ಟು ಲಕ್ಷ ಮೊಟ್ಟೆಗಳನ್ನಿಟ್ಟರೂ ವ್ಯರ್ಥ.

ಅಘನಾಶಿನಿಯ ಅಳಿವೆಯಲ್ಲಿ ನಮ್ಮ ರೈತರು ಈ ಸತ್ಯವನ್ನು ಗ್ರೀಕ್ ಹೆಸರಿಲ್ಲದೆಯೇ ಅರಿತಿದ್ದರು. ಅಲ್ಲಿಯ ಗಜನಿ ಗದ್ದೆಗಳಲ್ಲಿ ಮಳೆಗಾಲದಲ್ಲಿ ಉಪ್ಪನ್ನು ತಡೆಯುವ ಕಗ್ಗ ಭತ್ತ ಬೆಳೆಯುತ್ತದೆ. ಬಳಿಕ ಭರತದ ನೀರಿನೊಡನೆ ಬಂದ ಸೀಗಡಿಗಳು ಅದೇ ಗದ್ದೆಯಲ್ಲಿ ಬೆಳೆಯುತ್ತವೆ. ಈ ಅಳಿವೆಗೆ 2024ರಲ್ಲಿ ರಾಮ್ಸಾರ್ ಒಪ್ಪಂದದ ಜೌಗುಪ್ರದೇಶಗಳ ಪಟ್ಟಿಯಲ್ಲಿ ಸ್ಥಾನ ದೊರೆತುದು ಸಂತೋಷದ ಸಂಗತಿ. ಕಾಳಿ, ಗಂಗಾವಳಿ, ಶರಾವತಿ, ನೇತ್ರಾವತಿಗಳ ಅಳಿವೆಗಳಿಗೂ ಇಷ್ಟೇ ಕಾಳಜಿ ಸಲ್ಲಬೇಕು.

ಸಾಕಣೆಯ ಕೊಳಗಳಲ್ಲಿ ಬೇಕಾದಷ್ಟು ಸೀಗಡಿಯನ್ನು ಬೆಳೆಯಬಹುದಾಗಿರುವಾಗ ಅಳಿವೆಯ ಚಿಂತೆ ಏತಕ್ಕೆಂದು ಕೆಲವರು ವಾದಿಸಿಯಾರು. ಸಾಕಣೆಯಿಂದ ದೇಶಕ್ಕೆ ಲಾಭವಾಗಿದೆಯೆಂಬುದನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ಇಂದು ಭಾರತದ ಕೊಳಗಳಲ್ಲಿ ಬಹುಮಟ್ಟಿಗೆ ಬೆಳೆಯುವುದು ಅಮೆರಿಕ ಖಂಡದ ಪೆಸಿಫಿಕ್ ತೀರದಿಂದ ತಂದ ವನ್ನಾಮಿ ಎಂಬ ಜಾತಿ. ಅದೂ ಮರಗಿವಿರಿನದೇ. ಆದರೆ ಅದು ನಮ್ಮ ಕಡಲನ್ನು ತುಂಬುವುದಿಲ್ಲ. ಕೊಳವಿಲ್ಲದ ಬಡ ಬೆಸ್ತನ ಬಲೆಗೆ ಬೀಳುವುದೂ ಇಲ್ಲ. ಅವನ ಜೀವನ ನಿಂತಿರುವುದು ಅಳಿವೆಯಲ್ಲಿ ತಾವಾಗಿ ಬೆಳೆದು ಬರುವ ಸೀಗಡಿಗಳ ಮೇಲೆ. ಈ ವಂಶ ಇಂದು ನಿನ್ನೆಯದಲ್ಲ. ಈ ಗುಂಪಿಗೆ ಸೇರಿದ್ದೆಂದು 2010ರಲ್ಲಿ ವಿವರಿಸಲ್ಪಟ್ಟ ಪಳೆಯುಳಿಕೆಯೊಂದು, ಅಮೆರಿಕದ ಒಕ್ಲಹೋಮದಲ್ಲಿ ದೊರೆತದ್ದು, ಸುಮಾರು 36 ಕೋಟಿ ವರ್ಷಗಳಷ್ಟು ಹಿಂದಿನದು. ಇಷ್ಟು ದೀರ್ಘಕಾಲ ಬಾಳಿದ ವಂಶಕ್ಕೆ ನಮ್ಮ ಒಂದೆರಡು ತಲೆಮಾರುಗಳ ಅಜಾಗರೂಕತೆಯಿಂದ ಕೇಡಾಗಬಾರದು.

ಉಪಾಧ್ಯಾಯರಲ್ಲಿಯೂ ವಿದ್ಯಾರ್ಥಿಗಳಲ್ಲಿಯೂ ನಮ್ಮದೊಂದು ವಿಜ್ಞಾಪನೆ. ಈ ಹೆಸರನ್ನು ಕರಿಹಲಗೆಯ ಮೇಲೆ ಬರೆಯುವ ಮುನ್ನ ಪೇಟೆಯಿಂದ ಕಡಲ ಸೀಗಡಿ, ಹೊಳೆಯ ಸೀಗಡಿ ಎರಡನ್ನೂ ತರಿಸಿರಿ. ಮೊದಲು ಉದರದ ಪಕ್ಕದ ಫಲಕಗಳನ್ನು ನೋಡಿರಿ. ಕಡಲ ಸೀಗಡಿಯಲ್ಲಿ ಅವು ಹೆಂಚು ಹೊದಿಸಿದಂತೆ, ಮುಂದಿನದು ಹಿಂದಿನದರ ಮೇಲೆ ಬಂದಿರುತ್ತವೆ. ಹೊಳೆಯ ಸೀಗಡಿಯಲ್ಲಿ ಎರಡನೆಯ ಫಲಕ ತನ್ನ ಮುಂದಿನ ಹಾಗೂ ಹಿಂದಿನ ಫಲಕಗಳೆರಡನ್ನೂ ಮುಚ್ಚಿರುತ್ತದೆ. ಬಳಿಕ ಕಾಲುಗಳನ್ನು ಎಣಿಸಿರಿ: ಕಡಲ ಸೀಗಡಿಯ ಮೊದಲ ಮೂರು ಜೊತೆ ನಡೆಗಾಲುಗಳಲ್ಲಿ ಚಿಮಟಗಳಿವೆ, ಹೊಳೆಯದಕ್ಕೆ ಎರಡೇ ಜೊತೆ. ಕೊನೆಗೆ ಎದೆಯ ಚಿಪ್ಪಿನ ಪಕ್ಕವನ್ನು ಕತ್ತರಿಸಿ ತೆಗೆದು, ಒಂದೊಂದು ಕಿವಿರನ್ನು ನೀರು ತುಂಬಿದ ಬಿಳಿಯ ತಟ್ಟೆಯಲ್ಲಿ ಹರಡಿ, ಭೂತಕನ್ನಡಿಯಿಂದಲೋ ಸೂಕ್ಷ್ಮದರ್ಶಕದಿಂದಲೋ ಪರೀಕ್ಷಿಸಿರಿ. ಒಂದರಲ್ಲಿ ಹಾಳೆಗಳು, ಇನ್ನೊಂದರಲ್ಲಿ ಕೊಂಬೆರೆಂಬೆಗಳು ಕಾಣುವುವು. ಆಮೇಲೆ ಹೆಸರನ್ನು ಹೇಳಿಕೊಡಿರಿ. ಈ ಸೀಗಡಿಯ ಮೊಟ್ಟೆ ಎಲ್ಲಿ ಬೀಳುತ್ತದೆ, ಮರಿ ಎಲ್ಲಿ ಬೆಳೆಯುತ್ತದೆ ಎಂಬ ಪ್ರಶ್ನೆಯನ್ನೂ ಜೊತೆಯಲ್ಲಿಯೇ ಕೇಳಿರಿ. ಹೀಗೆ ಕಲಿತ ಹುಡುಗರೂ ಹುಡುಗಿಯರೂ ಮುಂದೆ ಪಂಚಾಯತಿಯಲ್ಲಿಯೋ ಕಚೇರಿಯಲ್ಲಿಯೋ ಅಧಿಕಾರಸ್ಥಾನದಲ್ಲಿ ಕುಳಿತಾಗ, ಅಳಿವೆಯನ್ನು ತುಂಬುವ ಯೋಜನೆಯ ಕಾಗದ ಅವರ ಮುಂದೆ ಬಂದರೆ, ಸಹಿ ಹಾಕುವ ಮೊದಲು ಒಂದು ಕ್ಷಣ ಯೋಚಿಸುವರೆಂದು ನಮಗೆ ನಂಬಿಕೆಯಿದೆ.