ನಿಲಸ್ಕಲ್ಲಿನ ಮಾಟಶಾಲೆ: ಒಂದು ಅಭಿಪ್ರಾಯ

ಪ್ರಾಚೀನ ಶಿಲೆಗಳಿಂದ ಶಕ್ತಿ ಪಡೆಯುವ ಮಾಂತ್ರಿಕರ ವಿದ್ಯಾಶಾಲೆಯೆಂಬುದು ಈಚಿನ ಅದ್ಭುತ ಕಥೆಗಳಿಗೆ ಒಗ್ಗಿದ ಕಲ್ಪನೆ. ಅಂಥದೊಂದು ಶಾಲೆಯನ್ನು ಕನ್ನಡದಲ್ಲಿ ಕಟ್ಟಬಯಸುವ ಲೇಖಕನು ನೆಲವನ್ನು ಎಲ್ಲಿ ಹುಡುಕಬೇಕು? ಈ ಪ್ರಶ್ನೆಯನ್ನು ತುಮರಿಯಲ್ಲಿ ನಿಂತು ಕೇಳಿಕೊಂಡರೆ ಉತ್ತರ ದೂರವಿಲ್ಲ. ಮಕ್ಕಳ ರಂಗಭೂಮಿಗೆ ಹೆಸರಾದ ಕಿನ್ನರ ಮೇಳದ ಊರು ಅದು. 1964ರಲ್ಲಿ ಪೂರ್ಣಗೊಂಡ ಲಿಂಗನಮಕ್ಕಿ ಅಣೆಕಟ್ಟಿನ ಹಿನ್ನೀರು ಅದನ್ನು ಸಾಗರ ಪೇಟೆಯಿಂದ ಬೇರ್ಪಡಿಸಿತು. 2025ರ ಜುಲೈನಲ್ಲಿ ಸೇತುವೆ ತೆರೆಯುವವರೆಗೂ ಪೇಟೆಗೆ ಹತ್ತಿರದ ದಾರಿಯೆಂದರೆ ಲಾಂಚಿನದೇ. ಮಾಟದ ಶಾಲೆಗೆ ಇದಕ್ಕಿಂತ ತಕ್ಕ ಆವರಣ ಬೇಕೇ? ಶಿಲೆಗಳಿರುವುದು ನೆರೆಯ ಹೊಸನಗರ ತಾಲೂಕಿನಲ್ಲಿ: ನಿಲಸ್ಕಲ್, ಬೈಸೆ, ಹೆರಗಲ್, ಮುಂಬಾರುಗಳಲ್ಲಿ. ಇಂಥವೇ ತೀರ್ಥಹಳ್ಳಿ ಕಡೆಯ ಆರಗ ಗೇಟಿನ ಬಳಿಯೂ ಇವೆ.

ಇವು ಬೃಹತ್ ಶಿಲಾ ಸಂಸ್ಕೃತಿಗೆ ಸೇರಿದ ನಿಲುಗಲ್ಲುಗಳು. ಉಳಿಯ ಕೆಲಸವಿಲ್ಲದ ಹಲಗೆಯಂಥ ಬಂಡೆಗಳು. ಅಗಲವಾದ ಮೈ ಉತ್ತರ–ದಕ್ಷಿಣವಾಗಿರುವಂತೆ ನೆಲದಲ್ಲಿ ನಾಟಿದವು. ಮೇಲುನೋಟಕ್ಕೆ ಅವುಗಳ ವಿನ್ಯಾಸದಲ್ಲಿ ಕ್ರಮ ಕಾಣುವುದಿಲ್ಲ. ಶ್ರೀಕುಮಾರ್ ಮೆನನ್ ಮೊದಲಾದವರು ನಡೆಸಿದ ಅಧ್ಯಯನಗಳು ಮಾತ್ರ ಬೇರೊಂದನ್ನು ಸೂಚಿಸಿವೆ. ಕೆಲವು ಜೋಡಿ ಕಲ್ಲುಗಳನ್ನು ಕೂಡಿಸುವ ದೃಷ್ಟಿರೇಖೆಯು ಅಯನ ಸಂಕ್ರಾಂತಿಗಳ ಸೂರ್ಯೋದಯ, ಸೂರ್ಯಾಸ್ತಗಳ ಕಡೆಗೆ ಇರುತ್ತದೆ. ಜೂನ್ ತಿಂಗಳ ಅಯನದಂದು ಮಲೆನಾಡಿನಲ್ಲಿ ಸೂರ್ಯ ಕಾಣುವುದೇ ಅಪರೂಪ. ಆದುದರಿಂದ ನಮ್ಮ ಮಾಟಶಾಲೆಯ ಪರೀಕ್ಷೆಗಳೆಲ್ಲ ಡಿಸೆಂಬರಿನಲ್ಲಿಯೇ ನಡೆಯಬೇಕಾದೀತು!

ಕನ್ನಡ ವಿದ್ಯಾರ್ಥಿಯನ್ನು ತಡೆದು ನಿಲ್ಲಿಸುವುದು ಈ ಊರಿನ ಹೆಸರು. ‘ನಿಲಸ್ಕಲ್’ ಎಂಬಲ್ಲಿ ‘ನಿಲಿಸು’ ಎಂಬ ಪ್ರೇರಣಾರ್ಥಕ ರೂಪವಿದೆಯೆಂದು ನನ್ನ ಎಣಿಕೆ. ನಿಂತ ಕಲ್ಲಲ್ಲ, ನಿಲ್ಲಿಸಿದ ಕಲ್ಲು. ಬಯಲುಸೀಮೆಯಲ್ಲಿ ಕಲ್ಮನೆ ಸಮಾಧಿಗಳನ್ನು ‘ಮೋರಿಯರ ಮನೆ’ ಎಂದು ಕರೆದ ಜನ ಅವನ್ನು ಕುಳ್ಳರಾದ ಮೋರಿಯರು ಕಟ್ಟಿದರೆಂದು ನಂಬಿದರು. ಕೊಪ್ಪಳ ಜಿಲ್ಲೆಯ ಹಿರೇಬೆಣಕಲ್ಲಿನ ಬೆಟ್ಟ ಇಂದಿಗೂ ‘ಮೋರ್ಯರ ಗುಡ್ಡ’ವೇ. ಕೊಡಗಿನಲ್ಲಿ ಅಂಥವು ಪಾಂಡವರ ಪಾಲಾದವು. ನಿಲಸ್ಕಲ್ಲಿನ ಹೆಸರಾದರೋ ಕುಳ್ಳರನ್ನೂ ಪಾಂಡವರನ್ನೂ ಕರೆಯದೆ, ಯಾರೋ ತಂದು ನಿಲ್ಲಿಸಿದರು ಎಂಬಷ್ಟನ್ನೇ ನೆನಪಿಟ್ಟುಕೊಂಡಿದೆ.

ಹಾಗಾದರೆ ಕಲ್ಲಿನಲ್ಲಿ ‘ಶಕ್ತಿ’ ಹರಿಯುತ್ತದೆ, ಬಲ್ಲವನು ಅದನ್ನು ಹೀರಬಹುದು ಎಂಬ ಕಲ್ಪನೆ ಎಲ್ಲಿಂದ ಬಂತು? ಇದು ಪುರಾತನವೆಂದು ಭಾವಿಸುವವರೇ ಹೆಚ್ಚು. ಹನ್ನೆರಡನೆಯ ಶತಮಾನದ ಜೆಫ್ರಿ ಆಫ್ ಮನ್ಮತ್, ಸ್ಟೋನ್‌ಹೆಂಜಿನ ಕಲ್ಲುಗಳನ್ನು ಮೆರ್ಲಿನನು ಐರ್ಲೆಂಡಿನಿಂದ ತಂದನೆಂದು ಬರೆದದ್ದು ನಿಜ. ಆದರೆ ಪ್ರಾಚೀನ ನೆಲೆಗಳನ್ನು ಗೆರೆಯೆಳೆದು ಜೋಡಿಸುವ ಪದ್ಧತಿಯನ್ನು ಮುಂದಿಟ್ಟವನು ಇಂಗ್ಲೆಂಡಿನ ಆಲ್‌ಫ್ರೆಡ್ ವಾಟ್‌ಕಿನ್ಸ್. ಅದಕ್ಕೆ ಸಂಬಂಧಿಸಿದ ಅವನ ಪ್ರಸಿದ್ಧ ಗ್ರಂಥ ಹೊರಬಂದುದು 1925ರಲ್ಲಿ. ಅವನಿಗೂ ಅವು ಹಳೆಯ ಹಾದಿಗಳಷ್ಟೇ ಆಗಿದ್ದವು. ಆ ಗೆರೆಗಳಲ್ಲಿ ಶಕ್ತಿ ಹರಿಯುತ್ತದೆಂಬ ಮಾತು ಜನಪ್ರಿಯವಾದುದು 1960ರ ದಶಕದಿಂದ ಈಚೆಗೆ, ಜಾನ್ ಮಿಷೆಲನಂಥವರ ಬರಹಗಳ ಮೂಲಕ. ಲಿಂಗನಮಕ್ಕಿಯ ನೀರಿಗೂ ಈ ಶಕ್ತಿರೇಖೆಗಳಿಗೂ ಹೆಚ್ಚು ಕಡಿಮೆ ಒಂದೇ ಪ್ರಾಯ.

ನಮ್ಮ ಕಥಾಪರಂಪರೆಯಲ್ಲಿ ಮಾಟಕ್ಕೆ ಕೊರತೆಯಿಲ್ಲ. ವಡ್ಡಾರಾಧನೆಯ ವಿದ್ಯುಚ್ಚೋರನ ಕಥೆಯಲ್ಲಿ ಕಳ್ಳತನವೇ ಕಲಿತು ಸಾಧಿಸಿದ ಒಂದು ವಿದ್ಯೆ. ಆದರೆ ಮಲೆನಾಡಿನಲ್ಲಿ ಕಲ್ಲಿಗೂ ಮನುಷ್ಯನಿಗೂ ಇರುವ ನಂಟು ಬೇರೆ ಬಗೆಯದು. ಕಾನಿನ ಅಂಚಿನಲ್ಲಿ, ತೋಟದ ತಲೆಯಲ್ಲಿ ಚೌಡಿ, ಭೂತಪ್ಪ, ಜಟಕ ಎಂದು ಪೂಜೆಗೊಳ್ಳುವ ಕಾಡುಗಲ್ಲುಗಳನ್ನು ನೋಡಿ. (ಇವು ನಿಲುಗಲ್ಲುಗಳಲ್ಲ, ಬೆರೆಸಬಾರದು.) ಆ ಕಲ್ಲಿನಿಂದ ಯಾರೂ ಏನನ್ನೂ ಹೀರುವುದಿಲ್ಲ. ಅದಕ್ಕೆ ಸಲ್ಲಬೇಕಾದುದು ಸಲ್ಲುತ್ತದೆ: ಹಣ್ಣುಕಾಯಿಯೋ, ಕೋಳಿಯೋ, ಅದರ ಬನದ ಮರ ಕಡಿಯದಿರುವುದೋ. ಹರಕೆ ಹೊತ್ತವನು ಬೇಡುತ್ತಾನೆ, ನಿಜ. ಆದರೆ ಸಾಲಗಾರನಾಗಿಯೇ ಬೇಡುತ್ತಾನೆ. ತಪ್ಪಿದರೆ ಕಾಟ. ಒಳ್ಳೆಯ ಕಥೆಗೆ ಬೇಕಾದ ಬಿಕ್ಕಟ್ಟು ಈ ಋಣದಲ್ಲಿದೆಯೇ ಹೊರತು ಶಕ್ತಿಯ ದಾಸ್ತಾನಿನಲ್ಲಿಲ್ಲ.

ಇದು ಬರಿಯ ರುಚಿಯ ಪ್ರಶ್ನೆಯಾಗಿದ್ದರೆ ಇಷ್ಟು ಬರೆಯಬೇಕಾಗಿರಲಿಲ್ಲ. ಕಲ್ಲಿನ ಅಡಿಯಲ್ಲಿ ಏನೋ ಇದೆ, ಮಂತ್ರ ಬಲ್ಲವನು ಅದನ್ನು ತೆಗೆಯಬಹುದು ಎಂದು ಅಕ್ಷರಶಃ ನಂಬಿದವರು ನಮ್ಮಲ್ಲಿದ್ದಾರೆ. ಅವರು ಓದುಗರಲ್ಲ, ನಿಧಿಗಳ್ಳರು. ನಾಡಿನ ಉದ್ದಗಲಕ್ಕೂ ವೀರಗಲ್ಲುಗಳ ಬುಡದಲ್ಲಿ, ಪಾಳುಗುಡಿಗಳ ಗರ್ಭಗೃಹದಲ್ಲಿ ಅವರು ತೋಡಿದ ಹೊಂಡಗಳನ್ನು ಕ್ಷೇತ್ರಕಾರ್ಯಕ್ಕೆ ಹೋದ ಯಾರೂ ಕಂಡಿರುತ್ತಾರೆ. ವಾಮಾಚಾರದ ವಿರುದ್ಧ ರಾಜ್ಯ 2017ರಲ್ಲಿ ರೂಪಿಸಿದ ಕಾಯಿದೆ ನಿಧಿಯ ಹೆಸರಿನ ಅಮಾನುಷ ಕೃತ್ಯಗಳನ್ನು ಹೆಸರಿಸಬೇಕಾಗಿ ಬಂದುದು ಸುಮ್ಮನೆ ಅಲ್ಲ. ನಿಲುಗಲ್ಲೊಂದನ್ನು ಒಮ್ಮೆ ಕಿತ್ತರೆ ಮರಳಿ ನೆಡಬಹುದು. ಅದು ಹಿಡಿದಿದ್ದ ಸೂರ್ಯೋದಯದ ರೇಖೆ ಮರಳುವುದಿಲ್ಲ. ಶಿಲ್ಪವೂ ಶಾಸನವೂ ಇಲ್ಲದ ಈ ಕಲ್ಲುಗಳ ಅರ್ಥವೆಲ್ಲ ಇರುವುದು ಅವು ನಿಂತ ಜಾಗದಲ್ಲಿ.

ಹಾಗೆಂದು ಕಥೆಗಾರನ ಕೈ ಕಟ್ಟಬೇಕೆಂದು ನಾನು ಹೇಳಲಾರೆ. ಅದ್ಭುತ ಕಥೆಯನ್ನು ಮಕ್ಕಳಾಟವೆಂದು ತಳ್ಳಿ, ಈ ನೆಲೆಗಳನ್ನು ಪೂರ್ತಿಯಾಗಿ ಪುರಾತತ್ತ್ವದವರಿಗೆ ಒಪ್ಪಿಸಿ ಕುಳಿತಿರುವ ನಮ್ಮ ಜಾನಪದ ವಿದ್ವಾಂಸರ ಮೇಲೆಯೇ ನನ್ನ ಆಕ್ಷೇಪ ಹೆಚ್ಚು. ಬೈಸೆಯ ಸುತ್ತಲಿನ ಹಿರಿಯರು ಈ ಕಲ್ಲುಗಳ ಬಗ್ಗೆ ಏನು ಹೇಳುತ್ತಾರೆ, ದನ ಕಾಯುವ ಹುಡುಗರು ಯಾವುದಕ್ಕೆ ಯಾವ ಅಡ್ಡಹೆಸರು ಇಟ್ಟಿದ್ದಾರೆ ಎಂಬುದನ್ನು ಕುಳಿತು ಬರೆದುಕೊಳ್ಳುವ ಕೆಲಸ ಕನ್ನಡ ವಿಭಾಗಗಳದು. ಅಂಥ ಸಂಗ್ರಹವೊಂದು ಕೈಗೆ ಬಂದರೆ ತುಮರಿಯ ಮಕ್ಕಳಿಗೆ ನಾಟಕ ಬರೆಯುವವನು ಮಂತ್ರದಂಡವನ್ನು ಹೊರಗಿನಿಂದ ತರಿಸಬೇಕಾಗಿಲ್ಲ. ಅವನ ಶಾಲೆಯ ಮೊದಲ ಪಾಠ, ಕಲ್ಲನ್ನು ಮುಟ್ಟದೆ ಅದರ ನೆರಳನ್ನು ಅಳೆಯುವುದು ಆಗಿರಬಹುದು.