ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡಿ

2024ರ ಜನವರಿಯಲ್ಲಿ ರಾಜ್ಯ ಸರಕಾರ ಬಸವಣ್ಣನವರನ್ನು ಸಾಂಸ್ಕೃತಿಕ ನಾಯಕ ಎಂದು ಘೋಷಿಸಿತು. ಸರಕಾರಿ ಕಚೇರಿಗಳಲ್ಲಿ ಅವರ ಭಾವಚಿತ್ರ ಹಾಕಬೇಕೆಂದು ಆದೇಶವೂ ಹೊರಟಿತು. ಅದೇ ವರ್ಷ ಗದಗಿನ ಮಠಾಧೀಶರೊಬ್ಬರ ಸಂಪಾದಕತ್ವದಲ್ಲಿ ‘ವಚನ ದರ್ಶನ’ ಎಂಬ ಪುಸ್ತಕ ಬಂತು. ಒಳಗಿನ ಬರಹಗಳ ಜೊತೆ ಮುಖಪುಟದ ಚಿತ್ರವೂ ಜಗಳಕ್ಕೆ ಬಿತ್ತು. ಶರಣರನ್ನು ವೈದಿಕ ಋಷಿಗಳ ಹಾಗೆ ಚಿತ್ರಿಸಿದ್ದಾರೆ ಎಂದು ಲಿಂಗಾಯತ ಸಂಘಟನೆಗಳು ಸಿಟ್ಟಾದವು. ಹಾಗೆ ಚಿತ್ರಿಸಿದರೆ ತಪ್ಪೇನು ಎಂದು ಮತ್ತೊಂದು ಗುಂಪು ಎದ್ದಿತು. ಗದ್ದಲ ಎಷ್ಟು ಜೋರಾಗಿತ್ತೆಂದರೆ, ಬಸವಣ್ಣನವರ ಎದುರು ಕೂತು ಬರೆದ ಚಿತ್ರವೊಂದು ಎಲ್ಲೋ ಇದೆ, ಅದನ್ನು ಯಾರೋ ತಿದ್ದಿದ್ದಾರೆ ಎಂದೇ ಹೊರಗಿನವರಿಗೆ ಅನ್ನಿಸಬೇಕು.

ಅಂಥ ಚಿತ್ರವೇ ಇಲ್ಲ. ಹನ್ನೆರಡನೆಯ ಶತಮಾನದಲ್ಲಿ ಬಸವಣ್ಣನವರ ಮುಖ ನೋಡಿ ಬರೆದ ಒಂದು ಗೆರೆಯೂ ನಮ್ಮ ಕೈಯಲ್ಲಿಲ್ಲ. ಅವರ ಹೆಸರು ಸಿಗುವ ಹಳೆಯ ಶಾಸನಗಳಲ್ಲಿ ಮುಖ್ಯವಾದದ್ದು ಹುಕ್ಕೇರಿ ತಾಲ್ಲೂಕಿನ ಅರ್ಜುನವಾಡದ್ದು. ಅದರ ಕಾಲ 1260. ಅಂದರೆ ಅವರು ಬಾಳಿ ಹೋದ ಸುಮಾರು ನೂರು ವರ್ಷಗಳ ಮೇಲಿನದು. ಆ ಕಲ್ಲು ಹೆಸರು ಹೇಳುತ್ತದೆ, ಮನೆತನ ಹೇಳುತ್ತದೆ. ಮೂಗು ಹೇಗಿತ್ತು, ತಲೆಯ ಮೇಲೆ ಏನಿತ್ತು ಎಂದು ಹೇಳುವುದಿಲ್ಲ. ಕಚೇರಿಯ ಗೋಡೆಯ ಮೇಲಿನ ಚಿತ್ರವೂ ಪುಸ್ತಕದ ಮೇಲಿನ ಚಿತ್ರವೂ ಭಕ್ತಿಯಿಂದಲೋ ವಾದಕ್ಕಾಗಿಯೋ ನಮ್ಮ ಕಾಲದವರು ಬರೆದದ್ದು. ಅವು ಸಾಕ್ಷಿ ನುಡಿದರೆ ನಮ್ಮ ಕಾಲದ ಬಗ್ಗೆ ನುಡಿಯುತ್ತವೆ.

ಬಸವಣ್ಣನವರ ವಿಷಯವನ್ನು ಇಲ್ಲಿಗೆ ಬಿಡುತ್ತೇನೆ. ನನ್ನ ತಕರಾರು ಅದಕ್ಕಿಂತ ದೊಡ್ಡದು. ಚರಿತ್ರೆಯಿಂದ ನಾವು ಮುಖ ಕೇಳುತ್ತೇವೆ, ಸಾಕ್ಷಿ ಕೇಳುವುದಿಲ್ಲ. ಸಿಗದ ಮುಖವನ್ನು ದುಡ್ಡು ಕೊಟ್ಟು ಮಾಡಿಸುತ್ತೇವೆ. ಸಿಕ್ಕುವ ಸಾಕ್ಷಿಯನ್ನು ಕಣ್ಣೆದುರೇ ಸಾಯಲು ಬಿಡುತ್ತೇವೆ. ಇದಕ್ಕೆ ಗದಗ ಜಿಲ್ಲೆಯಷ್ಟು ಚೊಕ್ಕ ಉದಾಹರಣೆ ಬೇರೆಲ್ಲೂ ಸಿಗಲಿಕ್ಕಿಲ್ಲ.

ಮುಂಡರಗಿ ಭೀಮರಾಯನಿಂದ ಶುರು ಮಾಡೋಣ. ಹಿಂದೆ ಕಂಪನಿ ಸರಕಾರದ ನೌಕರಿ ಮಾಡಿದ್ದವನು, 1858ರ ಮೇ ಕೊನೆಗೆ ಅದೇ ಸರಕಾರದ ವಿರುದ್ಧ ಎದ್ದ. ಡಂಬಳದ ಖಜಾನೆಗೆ ಕೈ ಹಾಕಿದ, ಗದಗಿನ ಕಡೆ ಹೊರಳಿದ, ಹಮ್ಮಿಗಿಯ ಕೆಂಚನಗೌಡನ ಜೊತೆ ಕೊಪ್ಪಳದ ಕೋಟೆ ಹಿಡಿದ, ಜೂನ್ 1ರಂದು ಅಲ್ಲೇ ಸತ್ತ. ಅವನ ಹೆಸರಿನ ಮೂರ್ತಿಗಳಿವೆ, ಪಟಗಳಿವೆ. ಈಗೀಗ ಕಂಪ್ಯೂಟರ್ ಹುಟ್ಟಿಸಿದ, ಕಣ್ಣು ಮಿಟುಕಿಸುವ ವೀರರು ಮೊಬೈಲಿನಲ್ಲಿ ಹರಿದಾಡುವ ಕಾಲ. ಆದರೆ ಭೀಮರಾಯನ ಎದುರು ನಿಂತು ತೆಗೆದ ಒಂದೂ ಪಟ ಇಲ್ಲ.

ಹಾಗಾದರೆ ಆಗ ಇಲ್ಲಿ ಕ್ಯಾಮೆರಾ ಇರಲಿಲ್ಲವೇ? ಇತ್ತು. ಇದೇ ಸೀಮೆಯಲ್ಲಿ ಇತ್ತು. ಮುಂಬಯಿ ಸರಕಾರ 1855ರಲ್ಲೇ ಥಾಮಸ್ ಬಿಗ್ಸ್ ಎಂಬ ಸೈನ್ಯಾಧಿಕಾರಿಗೆ ಪಟ ತೆಗೆಯುವ ಕೆಲಸ ವಹಿಸಿತ್ತು. ಅವನ ತರುವಾಯ ಬಂದ ಪಿಗೂ ಎಂಬ ವೈದ್ಯ 1857ರ ಆಸುಪಾಸಿನಲ್ಲಿ ಡಂಬಳದ ದೊಡ್ಡಬಸಪ್ಪ ಗುಡಿಯ, ಲಕ್ಕುಂಡಿಯ ಗುಡಿಗಳ ಪಟ ತೆಗೆದ. 1866ರಲ್ಲಿ ಮೆಡೋಸ್ ಟೇಲರ್ ಮತ್ತು ಜೇಮ್ಸ್ ಫರ್ಗ್ಯುಸನ್ ಬರೆದ ಟಿಪ್ಪಣಿಗಳ ಜೊತೆ ಅವು ದೊಡ್ಡ ಪುಸ್ತಕವಾಗಿ ಅಚ್ಚಾದವು. ಗುಡಿಯ ನಕ್ಷತ್ರದಾಕಾರದ ಗೋಡೆ, ಅಂಚುಗಳ ನೆರಳು, ಕಂಬದ ಕುಸುರಿ ಎಲ್ಲ ಸ್ಪಷ್ಟ. ಒಂದೆರಡು ವರ್ಷದ ಅಂತರದಲ್ಲಿ ಅದೇ ಡಂಬಳದಲ್ಲಿ ಖಜಾನೆ ಒಡೆದವರ ಒಂದು ನೆರಳೂ ಇಲ್ಲ. ಕ್ಯಾಮೆರಾ ಯಾರ ದುಡ್ಡಿನಲ್ಲಿ ಬಂದಿತ್ತೋ ಅವರಿಗೆ ಕಲ್ಲು ಬೇಕಾಗಿತ್ತು, ಆ ಕಲ್ಲಿನ ಊರಿನ ಜನ ಬೇಕಾಗಿರಲಿಲ್ಲ. ಭೀಮರಾಯನ ಪಟ ಇಲ್ಲದಿರುವುದೇ ಒಂದು ಐತಿಹಾಸಿಕ ಸಾಕ್ಷಿ. ಆ ಖಾಲಿ ಜಾಗಕ್ಕೆ ಮೀಸೆ, ಪೇಟ, ಕತ್ತಿ ತಂದು ತುಂಬಿದಾಗ ನಾವು ಅವನಿಗೆ ಗೌರವ ತೋರಿಸುತ್ತಿದ್ದೇವೆ ಎಂದುಕೊಳ್ಳುತ್ತೇವೆ. ನಿಜವಾಗಿ ಆಗಿನ ಸರಕಾರದ ಕಣ್ಣು ಎಲ್ಲಿ ನೋಡಲಿಲ್ಲ ಎಂಬುದನ್ನು ಮುಚ್ಚಿಹಾಕುತ್ತಿದ್ದೇವೆ.

ಪಟ ಇದ್ದರೂ ಬೆನ್ನುಬಿಡದೆ ಕೇಳಬೇಕು. ಅದೇ 1858ರಲ್ಲಿ ಫೆಲಿಚೆ ಬೆಯಾಟೊ ಲಖನೌದ ಸಿಕಂದರ್ ಬಾಗ್‌ನ ಪಟ ತೆಗೆದ. ಅಂಗಳದಲ್ಲಿ ಎಲುಬುಗಳು ಚೆಲ್ಲಿವೆ, ಹಿಂದೆ ಗುಂಡಿನೇಟು ತಿಂದ ಕಟ್ಟಡ ನಿಂತಿದೆ. 1857 ಅಂದರೆ ಇಂದಿಗೂ ಆ ಪಟ ಎಲ್ಲ ಕಡೆ ಬರುತ್ತದೆ. ಕಾಳಗ ನಡೆದದ್ದು 1857ರ ನವೆಂಬರಿನಲ್ಲಿ, ಪಟ ತೆಗೆದದ್ದು ತಿಂಗಳುಗಳ ಮೇಲೆ. ಮುಚ್ಚಿದ್ದ ಹೆಣಗಳನ್ನು ಪಟಕ್ಕಾಗಿಯೇ ಹೊರಗೆ ತೆಗೆಸಿದ ಎಂದು ಆ ಕಾಲದ ಬ್ರಿಟಿಷ್ ಅಧಿಕಾರಿಯೊಬ್ಬನೇ ಬರೆದಿದ್ದಾನೆ. ಎಲುಬು ನಿಜ, ಕಟ್ಟಡ ನಿಜ, ದೃಶ್ಯ ಮಾತ್ರ ಹೂಡಿದ್ದು. ನಮ್ಮ ಕಾಲಕ್ಕೆ ಬಂದರೆ ಇಷ್ಟು ಜಾಣತನವೂ ಬೇಕಿಲ್ಲ. ಟಿಪ್ಪು ಸುಲ್ತಾನನ ನಿಜವಾದ ಫೋಟೋ ಎಂದು ವರ್ಷಗಟ್ಟಲೆ ಹರಿದಾಡಿದ ಪಟ, ಜಾಂಜಿಬಾರಿನ ಗುಲಾಮರ ವ್ಯಾಪಾರಿ ಟಿಪ್ಪು ಟಿಪ್‌ನದು. ಟಿಪ್ಪು ಸತ್ತದ್ದು 1799ರಲ್ಲಿ, ಫೋಟೋ ತೆಗೆಯುವ ವಿದ್ಯೆ ಲೋಕಕ್ಕೆ ಗೊತ್ತಾದದ್ದು 1839ರಲ್ಲಿ. ಎರಡು ಇಸವಿ ಜೋಡಿಸಿ ನೋಡುವ ತಾಳ್ಮೆಯೂ ಹಂಚಿದವರಿಗೆ ಇರಲಿಲ್ಲ.

ಪಟ ಬಿಡಿ, ಕಣ್ಣಾರೆ ಕಂಡವರ ಮಾತಿದೆಯಲ್ಲ ಎನ್ನುವವರಿದ್ದಾರೆ. ಅದಕ್ಕೂ ಅದೇ ಪ್ರಶ್ನೆಗಳನ್ನು ಹಾಕಬೇಕು: ಕಂಡವರು ಯಾರು, ಎಲ್ಲಿ ನಿಂತು ಕಂಡರು, ಯಾವಾಗ ಹೇಳಿದರು, ಯಾರ ಎದುರಿಗೆ ಹೇಳಿದರು? ಬ್ರಿಟಿಷ್ ಪೊಲಿಟಿಕಲ್ ಏಜೆಂಟ್ ಮ್ಯಾನ್‌ಸನ್ 1858ರ ಮೇ 29ರ ರಾತ್ರಿ ಸುರೇಬಾನದಲ್ಲಿ ಕೊಲೆಯಾದ. ಅವನ ತಲೆಯನ್ನು ನರಗುಂದದ ಅಗಸಿಗೆ ತೂಗುಹಾಕಿದರು. ಈ ಕಾಲದ ಬಗ್ಗೆ ವಿವರವಾಗಿ ಬರೆದವರಲ್ಲಿ ಒಬ್ಬ ಲೆ ಗ್ರ್ಯಾಂಡ್ ಜೇಕಬ್. ಅವನ ಪುಸ್ತಕ ಬಂದದ್ದು 1871ರಲ್ಲಿ. ಮ್ಯಾನ್‌ಸನ್ ಅವನ ಕೈಕೆಳಗಿನವನಾಗಿದ್ದ; ಜೇಕಬ್ ಆ ರಾತ್ರಿ ಸುರೇಬಾನದಲ್ಲಿ ಇರಲಿಲ್ಲ. ಸತ್ತ ಸಹೋದ್ಯೋಗಿಯ ಬಗ್ಗೆ, ಗೆದ್ದ ಸರಕಾರದ ಪರವಾಗಿ, ಹದಿಮೂರು ವರ್ಷಗಳ ಮೇಲೆ ಬಂದ ಬರಹ ಅದು. ದಂಗೆಯೆದ್ದ ನರಗುಂದದ ಅರಸ ಬಾಬಾಸಾಹೇಬನನ್ನು ಬೆಳಗಾವಿಯಲ್ಲಿ ಗಲ್ಲಿಗೇರಿಸಿದ್ದು ಜೂನ್ 12ಕ್ಕೆ, ಕೊಲೆಯಾದ ಎರಡೇ ವಾರಕ್ಕೆ. ಆ ಎರಡು ವಾರದಲ್ಲಿ ಬಾಯಿ ಬಿಟ್ಟವರ ತಲೆಯ ಮೇಲೆ ನೇಣಿನ ಹಗ್ಗದ ನೆರಳಿತ್ತು. ಹಾಗೆಂದು ಆ ಕಾಗದಗಳನ್ನು ಒಲೆಗೆ ಹಾಕಬೇಕಿಲ್ಲ. ಓದಬೇಕು, ಅವು ಏನನ್ನು ಹೇಳಲು ಹೆದರುತ್ತವೆ ಎಂದು ಹುಡುಕುತ್ತ ಓದಬೇಕು.

ಎದುರಿನ ಸಾಕ್ಷಿ ಎಲ್ಲಿದೆ ಎಂದು ಕೇಳುವವರಿಗೆ ಉತ್ತರ ನಮ್ಮ ಲಾವಣಿಗಳಲ್ಲಿದೆ. ಜನರ ಆಯುಧ ಕಸಿಯುವ ಕಾನೂನಿನ ವಿರುದ್ಧ 1857ರ ನವೆಂಬರಿನಲ್ಲಿ ಮುಧೋಳ ಸೀಮೆಯ ಹಲಗಲಿಯ ಬೇಡರು ಎದ್ದರು; ಊರು ಸುಟ್ಟುಹೋಯಿತು. ಆ ಕಾಳಗವನ್ನು ಹಾಡುವ ಲಾವಣಿಯ ಅಂಕಿತ ಕುರ್ತಕೋಟಿಯ ಕಲ್ಮೇಶ. ಕುರ್ತಕೋಟಿ ಇರುವುದು ಗದಗ ತಾಲ್ಲೂಕಿನಲ್ಲಿ. ದಂಡು ಊರು ಸೂರೆ ಮಾಡಿದ್ದನ್ನು ಹೇಳುವಾಗ ಲಾವಣಿಕಾರ ಮನೆಯ ಸಣ್ಣ ಸಾಮಾನನ್ನೂ ಬಿಡುವುದಿಲ್ಲ. ಕೊಡಲಿ, ಮೊಸರು, ಎಣ್ಣೆ, ಜೀರಗಿ, ಗಂಗಾಳ, ಬೀಸುಕಲ್ಲು, ಮಂಗಳಸೂತ್ರ ಎಂದು ಪಟ್ಟಿ ಕೊಡುತ್ತಾನೆ. ಯಾವ ಸೈನ್ಯಾಧಿಕಾರಿ ತನ್ನ ವರದಿಯಲ್ಲಿ ಜೀರಗಿಯ ಲೆಕ್ಕ ಬರೆದಾನು? ಮನೆಯೊಳಗಿಂದ ನೋಡಿದವರಿಗೆ, ಅಥವಾ ಹಾಗೆ ನೋಡಿದವರ ಬಾಯಿಂದ ಕೇಳಿದವರಿಗೆ ಮಾತ್ರ ಈ ಪಟ್ಟಿ ಗೊತ್ತು. ಲಾವಣಿ ಉಬ್ಬಿಸಿ ಹೇಳುತ್ತದೆ, ನಿಜ. ಶೂರರು ಇನ್ನಷ್ಟು ಶೂರರಾಗುತ್ತಾರೆ, ಸತ್ತವರ ಲೆಕ್ಕ ತಾಳಕ್ಕೆ ತಕ್ಕಂತೆ ಏರುತ್ತದೆ. ಆದರೆ ಬೀಸುಕಲ್ಲನ್ನು ಉಬ್ಬಿಸಿ ಯಾರಿಗೂ ಲಾಭವಿಲ್ಲ. ಸಾಕ್ಷಿಯನ್ನು ತೂಗುವುದೆಂದರೆ ಇಂಥ ಕಡೆ ಬೆರಳಿಡುವುದು. ಇನ್ನೊಂದು ಮಾತು: ಈ ಲಾವಣಿಯನ್ನು 1880ರ ದಶಕದಲ್ಲಿ ಅಚ್ಚು ಹಾಕಿಸಿ ಉಳಿಸಿದವನು ಜೆ.ಎಫ್. ಫ್ಲೀಟ್, ಅದೇ ಸರಕಾರದ ಅಧಿಕಾರಿ. ನಮ್ಮ ವೀರರಿಗೆ ಮೂರ್ತಿ ಕಟ್ಟುವ ನಾವು ಅವರ ಹಾಡುಗಾರರ ಮಾತು ಬರೆದಿಟ್ಟುಕೊಳ್ಳಲು ಬ್ರಿಟಿಷ್ ಅಧಿಕಾರಿಗಾಗಿ ಕಾಯಬೇಕಾಯಿತು.

ನಮ್ಮ ಹಿರಿಯರು ಈ ವಿಷಯದಲ್ಲಿ ನಮಗಿಂತ ಪ್ರಾಮಾಣಿಕರು. ಬೆಟಗೇರಿಯ ವೀರಗಲ್ಲುಗಳನ್ನು ಹೋಗಿ ನೋಡಿ. ಕೆಳಗಿನ ಪಟ್ಟಿಕೆಯಲ್ಲಿ ಕಾಳಗ, ನಡುವೆ ಅಪ್ಸರೆಯರು ವೀರನನ್ನು ಒಯ್ಯುವುದು, ಮೇಲೆ ಶಿವಲಿಂಗದ ಸನ್ನಿಧಿ: ವೀರಗಲ್ಲಿನ ವಾಡಿಕೆಯ ಕ್ರಮ ಇದು. ಸತ್ತವನ ಮುಖ ಹೀಗೇ ಇತ್ತೆಂದು ಕಲ್ಲುಕುಟಿಗ ಎಲ್ಲೂ ಹಟ ಹಿಡಿಯುವುದಿಲ್ಲ. ಒಂದು ಕಲ್ಲಿನ ವೀರ ಇನ್ನೊಂದು ಕಲ್ಲಿನ ವೀರನ ಹಾಗೇ ಕಾಣುತ್ತಾನೆ. ಬರಹವಿದ್ದರೆ ಅದು ಯಾರು, ಯಾವ ಕಾಳಗ ಎಂದು ಹೇಳುತ್ತದೆ. ಕಂಡದ್ದಕ್ಕೆ ಕೆಳಗೆ ಜಾಗ, ನಂಬಿದ್ದಕ್ಕೆ ಮೇಲೆ ಜಾಗ. ಎರಡನ್ನೂ ಒಂದೇ ಕಲ್ಲಿನಲ್ಲಿ ಇಟ್ಟರು, ಒಂದರೊಳಗೊಂದು ಕಲಸಲಿಲ್ಲ.

ಲಕ್ಷ್ಮೇಶ್ವರ ಇನ್ನೊಂದು ಪಾಠ ಕಲಿಸುತ್ತದೆ. ಅಲ್ಲಿಯ ಜೈನ ಬಸದಿಗೆ ಬಾದಾಮಿ ಚಾಲುಕ್ಯ ಅರಸರು ಕೊಟ್ಟ ದಾನಗಳನ್ನು ಹೇಳುವ ಬರಹಗಳಿವೆ. ಅವು ಆ ಅರಸರ ಕಾಲದಲ್ಲಿ ಕೊರೆದವಲ್ಲ, ಎಷ್ಟೋ ಕಾಲದ ಮೇಲೆ ಒಂದೇ ಕಲ್ಲಿನಲ್ಲಿ ಒಟ್ಟಿಗೆ ಕೊರೆಸಿದವು. ಫ್ಲೀಟ್ ಅವುಗಳ ಮೇಲೆ ಸಂಶಯ ಪಟ್ಟ. ಹಳೆಯ ಮೂಲಗಳನ್ನು ನೋಡಿ ಮಾಡಿದ ನಕಲು ಇರಬಹುದೆಂದು ಮುಂದೆ ಬೇರೆಯವರು ವಾದಿಸಿದರು. ಅಂದರೆ ಕಲ್ಲಿನ ಮೇಲಿದೆ ಎಂಬ ಒಂದೇ ಕಾರಣಕ್ಕೆ ಯಾವುದೂ ಪ್ರಮಾಣವಾಗುವುದಿಲ್ಲ. ಯಾವಾಗ ಕೊರೆದರು, ಆಗ ಅದರಿಂದ ಯಾರಿಗೆ ಉಪಯೋಗವಿತ್ತು ಎಂದು ಕೇಳಲೇಬೇಕು. ಅದೇ ಊರಿನ ಸೋಮೇಶ್ವರನನ್ನು ಶರಣ ಆದಯ್ಯ ಸೌರಾಷ್ಟ್ರದಿಂದ ತಂದ ಕಥೆ ಹರಿಹರನ ರಗಳೆಯಲ್ಲಿದೆ. ಅದು ಭಕ್ತಿಯ ಕಾವ್ಯ. ಅದನ್ನು ಪಂಚನಾಮೆ ಎಂದು ಓದಿ ಇಂದಿನ ಜಗಳಕ್ಕೆ ಹೂಡುವವರು ಕಾವ್ಯಕ್ಕೂ ಚರಿತ್ರೆಗೂ ಒಟ್ಟಿಗೇ ಅನ್ಯಾಯ ಮಾಡುತ್ತಾರೆ. ಶಿರಹಟ್ಟಿಯ ಫಕೀರೇಶ್ವರ ಮಠದ್ದೂ ಇದೇ ಪಾಡು. ಹಿಂದೂ, ಮುಸ್ಲಿಂ ಇಬ್ಬರೂ ನಡೆದುಕೊಳ್ಳುವ ಗದ್ದುಗೆ ಅದು. ಅಲ್ಲಿಯ ಒಂದು ಪಟವನ್ನು ಅಡಿಬರಹ ಕಿತ್ತು ಬೇಕಾದ ಹಾಗೆ ಕತ್ತರಿಸಿದರೆ ಯಾವ ಪಕ್ಷದ ವಾದಕ್ಕಾದರೂ ಒಗ್ಗಿಸಬಹುದು. ಮಠದ ಶತಮಾನಗಳ ನಡವಳಿಕೆ ಪಟದ ಚೌಕಟ್ಟಿನ ಹೊರಗೇ ಉಳಿಯುತ್ತದೆ.

ಜನರಿಗೆ ಮುಖ ಬೇಕು, ಮುಖವಿಲ್ಲದೆ ಸ್ಫೂರ್ತಿ ಹುಟ್ಟುವುದಿಲ್ಲ ಎನ್ನುವವರ ಮಾತನ್ನು ನಾನು ತಳ್ಳಿಹಾಕುವುದಿಲ್ಲ. ಮೂರ್ತಿ ನಿಲ್ಲಿಸಿ, ಪಟ ಹಾಕಿ. ಅದರ ಕೆಳಗೆ ‘ಕಲಾವಿದರ ಕಲ್ಪನೆ’ ಎಂದು ಬರೆದು ಕಲಾವಿದನ ಹೆಸರು, ಇಸವಿ ಹಾಕಿ. ಎರಡು ಸಾಲಿನ ಫಲಕದಿಂದ ಭೀಮರಾಯನ ಶೌರ್ಯ ಕುಂದುವುದಿಲ್ಲ. ಬಾಯಿಮಾತು ನಂಬಲಾಗದು, ದಾಖಲೆ ಮಾತ್ರ ಚರಿತ್ರೆ ಎನ್ನುವ ಪಂಡಿತರಿಗೆ ನನ್ನಲ್ಲಿ ಅಷ್ಟು ಸಹನೆಯಿಲ್ಲ. ದಾಖಲೆಯೂ ಯಾರೋ ಹೇಳಿದ್ದು, ಯಾರೋ ಬರೆದುಕೊಂಡದ್ದು. ವ್ಯತ್ಯಾಸ ಇಷ್ಟೇ, ಬರೆದುಕೊಂಡವನಿಗೆ ಸಂಬಳ ಬರುತ್ತಿತ್ತು.

ಈಗ ನಮ್ಮ ಕಾಲದ ಪರೀಕ್ಷೆ. 1980ರ ಜುಲೈ 21ರಂದು ಮಲಪ್ರಭಾ ನೀರಾವರಿಯ ಕರದ ವಿರುದ್ಧ ನರಗುಂದ, ನವಲಗುಂದದ ರೈತರು ಬೀದಿಗಿಳಿದರು. ಗೋಲೀಬಾರಿನಲ್ಲಿ ಚಿಕ್ಕನರಗುಂದದ ವೀರಪ್ಪ ಕಡ್ಲಿಕೊಪ್ಪ, ಅಳಗವಾಡಿಯ ಬಸಪ್ಪ ಲಕ್ಕುಂಡಿ ಸತ್ತರು. ಪೊಲೀಸರ ಕಡೆಯೂ ಸಾವಾಯಿತು. ರಾಜ್ಯದ ರೈತ ಚಳವಳಿಯ ದಿಕ್ಕನ್ನೇ ಬದಲಿಸಿದ ದಿನ ಅದು. ವರ್ಷಕ್ಕೊಮ್ಮೆ ಸತ್ತ ರೈತರ ನೆನಪಿನ ವೀರಗಲ್ಲಿಗೆ ಎಲ್ಲ ಪಕ್ಷದವರೂ ಬಂದು ಮಾಲೆ ಹಾಕುತ್ತಾರೆ, ಭಾಷಣ ಮಾಡುತ್ತಾರೆ. ಅಂದು ಇಪ್ಪತ್ತೈದರ ಹರೆಯದಲ್ಲಿ ಆ ಗುಂಪಿನಲ್ಲಿ ನಿಂತಿದ್ದವರು ಇಂದು ಎಪ್ಪತ್ತು ದಾಟಿದ್ದಾರೆ. ಡ್ಯೂಟಿಯ ಮೇಲಿದ್ದ ಪೊಲೀಸರಿಗೂ ಅಷ್ಟೇ ವಯಸ್ಸು. ಭಾಷಣ ಕೇಳಲು ಇವರನ್ನು ಕರೆಯುತ್ತಾರೆ. ಇವರ ಮಾತು ಕೇಳಲು ಯಾರು ಬರುತ್ತಾರೆ?

2016ರ ಜುಲೈನಲ್ಲಿ ಮಹದಾಯಿ ನೀರಿನ ಹೋರಾಟದ ವೇಳೆ ನವಲಗುಂದದ ಪಕ್ಕದ ಯಮನೂರಿನಲ್ಲಿ ಪೊಲೀಸರು ಹೊಡೆದದ್ದು ವಿಡಿಯೊಗಳಲ್ಲಿ ಸಿಕ್ಕಿತು, ಸರಕಾರ ಇಲ್ಲವೆನ್ನಲಾಗಲಿಲ್ಲ, ಕೆಲವು ಸಿಬ್ಬಂದಿ ಅಮಾನತಾದರು. ವಿಡಿಯೊ ಇದ್ದದ್ದರಿಂದಲೇ ಇದಾಯಿತು ಎನ್ನುವುದು ಅರ್ಧ ನಿಜ. ಅದು ಯಾವ ಊರು, ಯಾವ ದಿನ, ಹೊಡೆಸಿಕೊಂಡವರು ಯಾರು ಎಂದು ಹೇಳುವ ಜನ ಎದುರಿಗಿದ್ದರು. ಸಾಕ್ಷಿಯ ಮಾತಿಲ್ಲದ ಚಿತ್ರಕ್ಕೆ ಯಾರು ಬೇಕಾದರೂ ಬೇಕಾದ ಹೆಸರಿಡಬಹುದು. ಇನ್ನೊಂದು ಮೂಲದ ಆಸರೆಯಿಲ್ಲದ ಸಾಕ್ಷಿಯನ್ನು ಸುಳ್ಳುಗಾರ ಎಂದು ಕರೆಯುವುದು ಸುಲಭ. ಎರಡನ್ನೂ ಎದುರುಬದುರು ಕೂಡಿಸಿ ವಿಚಾರಿಸಿದಾಗಲೇ ಚರಿತ್ರೆ ಗಟ್ಟಿಯಾಗುವುದು.

ಆದ್ದರಿಂದ ಬೇಡಿಕೆ ಸರಳ. ಗದಗಿನಲ್ಲೇ ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ವಿಶ್ವವಿದ್ಯಾಲಯವಿದೆ, ಗೊಟಗೋಡಿಯಲ್ಲಿ ಜಾನಪದ ವಿಶ್ವವಿದ್ಯಾಲಯವಿದೆ, ಧಾರವಾಡದಲ್ಲಿ ಕರ್ನಾಟಕ ವಿಶ್ವವಿದ್ಯಾಲಯವಿದೆ. 1980 ಕಂಡ ರೈತರು, ಹೆಂಗಸರು, ಪೊಲೀಸರು, ಗುಮಾಸ್ತರು, ವರದಿಗಾರರು ಎಲ್ಲರ ಮಾತನ್ನೂ ಅವು ಬೇರೆಬೇರೆಯಾಗಿ ಕೇಳಿ ದಾಖಲಿಸಲಿ. ಕೇಳಿದ ಪ್ರಶ್ನೆ, ಕೇಳಿದವರ ಹೆಸರು, ದಿನಾಂಕ ಎಲ್ಲ ಅದರಲ್ಲಿರಲಿ. ಮೊದಲು ಕಲ್ಲು ತೂರಿದವರು ಯಾರು, ಗುಂಡಿಗೆ ಆದೇಶ ಕೊಟ್ಟವರು ಯಾರು ಎಂಬಲ್ಲಿ ಮಾತುಗಳು ಹೊಂದದಿದ್ದರೆ ತಿದ್ದಿ ಒಂದಾಗಿಸುವುದು ಬೇಡ, ಹೊಂದದಿರುವುದೂ ದಾಖಲಾಗಲಿ. ಮನೆಮನೆಯ ಹಳೆಯ ಪಟಗಳ ಹಿಂದೆ ಯಾರು, ಎಲ್ಲಿ, ಯಾವಾಗ ಎಂದು ಬದುಕಿರುವವರಿಂದಲೇ ಬರೆಸಲಿ. ಇದಕ್ಕೆ ಬೇಕಾದ ದುಡ್ಡು ಒಂದು ಕಂಚಿನ ಮೂರ್ತಿಯ ಖರ್ಚಿಗಿಂತ ಕಡಿಮೆಯೇ ಆದೀತು.

ಮೂರ್ತಿಯನ್ನು ಹತ್ತು ವರ್ಷ ತಡವಾಗಿ ನಿಲ್ಲಿಸಿದರೂ ನಡೆಯುತ್ತದೆ. ಸಾಕ್ಷಿಗೆ ಆ ಸೌಕರ್ಯವಿಲ್ಲ. ಭೀಮರಾಯನನ್ನು ಕಂಡವರನ್ನು ಕೇಳುವ ಅವಕಾಶ ನಮಗಿರಲಿಲ್ಲ. ವೀರಪ್ಪನನ್ನು ಕಂಡವರನ್ನು ಕೇಳುವ ಅವಕಾಶ ಇನ್ನೂ ಇದೆ. ಅದನ್ನೂ ಕಳೆದುಕೊಂಡು ಮುಂದೆ ಅವನಿಗೊಂದು ಕಂಪ್ಯೂಟರಿನ ಮುಖ ಹುಟ್ಟಿಸಿ ಅದರ ಬಟ್ಟೆ ಬಣ್ಣದ ಮೇಲೆ ಜಗಳಾಡುವುದಾದರೆ, ಆಗ ದೂರಲು ನಮಗೆ ಬ್ರಿಟಿಷರೂ ಇರುವುದಿಲ್ಲ.