ವಕಾಲತ್ತು ಯಾರ ಪರವಾಗಿ?

ವಕೀಲಿ ವೃತ್ತಿಯಲ್ಲಿ ಹೆಸರು ಸಂಪಾದಿಸಿ, ಅನಂತರ ಆಳುವವರಿಗೆ ಸಲಹೆಗಾರರಾಗಿ, ಕಡೆಗೆ ತಾವೇ ಅಧಿಕಾರಸೂತ್ರವನ್ನು ಹಿಡಿದವರು ನಮ್ಮ ದೇಶದಲ್ಲಿ ವಿರಳರಲ್ಲ. ಮೈಸೂರಿನ ಕೊನೆಯ ದಿವಾನರಾದ ಸರ್ ಆರ್ಕಾಟ್ ರಾಮಸ್ವಾಮಿ ಮೊದಲಿಯಾರರು ಮದರಾಸಿನ ವಕೀಲರು. ಕೊಚ್ಚಿಯ ದಿವಾನರಾಗಿದ್ದ ಷಣ್ಮುಖಂ ಚೆಟ್ಟಿಯವರು ಕಾನೂನು ಓದಿದವರು. ಆದರೆ ಈ ವರ್ಗದಲ್ಲಿ ಎಲ್ಲರಿಗಿಂತಲೂ ಎತ್ತರಕ್ಕೇರಿದವರೂ ಎಲ್ಲರಿಗಿಂತಲೂ ಹೆಚ್ಚು ಜನದ್ವೇಷಕ್ಕೆ ಗುರಿಯಾದವರೂ ತಿರುವಾಂಕೂರಿನ ದಿವಾನ್ ಸರ್ ಸಿ. ಪಿ. ರಾಮಸ್ವಾಮಿ ಅಯ್ಯರವರೇ ಎಂದು ಹೇಳಬಹುದು. ಅವರ ಬುದ್ಧಿಶಕ್ತಿಯನ್ನು ಹಗೆಗಳೂ ಅಲ್ಲಗಳೆದಿಲ್ಲ. ಅಂತಹ ಬುದ್ಧಿಶಾಲಿಯು ಹನ್ನೊಂದು ವರ್ಷ ಆಳಿದ ನಾಡಿನಿಂದ ಆ ಬಗೆಯಲ್ಲಿ ಹೊರಡಬೇಕಾದುದು ಏಕೆ ಎಂಬುದನ್ನು ವಿಚಾರಿಸುವುದು ಅಧಿಕಾರದಲ್ಲಿರುವವರಿಗೂ ಅಧಿಕಾರವನ್ನು ಬಯಸುವವರಿಗೂ ಅಗತ್ಯವೆಂದು ನಾವು ಭಾವಿಸುತ್ತೇವೆ.

1879ರಲ್ಲಿ ಹುಟ್ಟಿದ ಅಯ್ಯರವರು 1903ರಲ್ಲಿ ಮದರಾಸಿನಲ್ಲಿ ವಕೀಲಿಯನ್ನು ಆರಂಭಿಸಿದರು. ಹತ್ತು ವರ್ಷ ತುಂಬುವುದರೊಳಗೆ ಅವರ ಹೆಸರು ದೇಶಕ್ಕೆಲ್ಲ ತಿಳಿಯಿತು. ಬಾಲಕ ಜೆ. ಕೃಷ್ಣಮೂರ್ತಿಯವರನ್ನು ತಮ್ಮ ವಶಕ್ಕೆ ಕೊಡಿಸಬೇಕೆಂದು ಅವರ ತಂದೆ ನಾರಾಯಣಯ್ಯನವರು ಶ್ರೀಮತಿ ಆನಿ ಬೆಸೆಂಟರ ಮೇಲೆ ಹೂಡಿದ ವ್ಯಾಜ್ಯದಲ್ಲಿ ಅಯ್ಯರವರು ತಂದೆಯ ಪಕ್ಷವನ್ನು ವಹಿಸಿ ಮದರಾಸಿನಲ್ಲಿ ಜಯಶಾಲಿಗಳಾದರು. 1914ರಲ್ಲಿ ಪ್ರಿವಿ ಕೌನ್ಸಿಲು ಆ ತೀರ್ಪನ್ನು ತಿರುಗಿಸಿತು. ಸೋಜಿಗದ ಸಂಗತಿಯೆಂದರೆ, ಅದೇ ಬೆಸೆಂಟರು ಹೋಂರೂಲ್ ಚಳವಳಿಯನ್ನು ಹೂಡಿದಾಗ ಅವರ ಬಲಗೈಯಾಗಿ ನಿಂತವರಲ್ಲಿ ಅಯ್ಯರವರು ಮುಖ್ಯರು. ಕಾಂಗ್ರೆಸ್ಸಿನ ಕಾರ್ಯದರ್ಶಿ ಪದವಿಯೂ ಅವರಿಗೆ ಬಂದಿತು. ನಿನ್ನೆಯ ಪ್ರತಿಕಕ್ಷಿಗೆ ಇಂದು ಸಹಾಯಕನಾಗುವುದು ವಕೀಲನಿಗೆ ದೋಷವಲ್ಲ, ಅದು ಆ ವೃತ್ತಿಯ ಧರ್ಮ. ಆದರೆ ಆ ಧರ್ಮವು ರಾಜಕಾರಣಕ್ಕೂ ಸಲ್ಲುವುದೇ ಎಂಬ ಪ್ರಶ್ನೆ ಅಂದೇ ಮೊಳೆಯಬೇಕಾಗಿತ್ತು.

ಗಾಂಧೀಜಿಯವರ ಅಸಹಕಾರ ಮಾರ್ಗವು ಅಯ್ಯರವರಿಗೆ ರುಚಿಸಲಿಲ್ಲ. 1920ರಲ್ಲಿ ಅವರು ಮದರಾಸಿನ ಅಡ್ವೊಕೇಟ್ ಜನರಲ್ ಆದರು. 1923ರಿಂದ ಐದು ವರ್ಷ ಗವರ್ನರ ಕಾರ್ಯಾಂಗ ಸಭೆಯಲ್ಲಿ ಕಾನೂನು ಸದಸ್ಯರಾಗಿದ್ದರು. ಮೆಟ್ಟೂರಿನ ಅಣೆಕಟ್ಟೂ ಪೈಕಾರಾದ ವಿದ್ಯುತ್ ಯೋಜನೆಯೂ ಕೈಗೂಡುವುದಕ್ಕೆ ಅವರ ಉತ್ಸಾಹವು ಬಹುಮಟ್ಟಿಗೆ ಕಾರಣ. 1924ರ ಫೆಬ್ರವರಿ 18ರಂದು ಮೈಸೂರಿಗೂ ಮದರಾಸಿಗೂ ಕಾವೇರಿಯ ನೀರಿನ ಒಪ್ಪಂದವಾದದ್ದೂ ಅದೇ ಕಾಲದಲ್ಲಿ. ಆ ಒಪ್ಪಂದದ ಕಹಿಯನ್ನು ನಮ್ಮ ಜನ ಇನ್ನೂ ಮರೆತಿಲ್ಲ. ಅದು ಬೇರೆ ಕಥೆ, ಇಲ್ಲಿ ಬೆಳೆಸುವುದಿಲ್ಲ.

1931ರಲ್ಲಿ ತಿರುವಾಂಕೂರಿನ ತರುಣ ಮಹಾರಾಜರು ರಾಜ್ಯಭಾರವನ್ನು ಸ್ವತಃ ವಹಿಸಿಕೊಂಡರು. ಅಯ್ಯರವರು ಅವರಿಗೆ ಕಾನೂನು ಮತ್ತು ರಾಜ್ಯಾಂಗ ವಿಷಯಗಳ ಸಲಹೆಗಾರರಾದರು. ದಿವಾನರು ಬೇರೆ ಇದ್ದರು. ಶಾಸನಸಭೆಯಲ್ಲಿ ಉತ್ತರ ಹೇಳಬೇಕಾದವರು ಅವರು. ಸಲಹೆಗಾರರನ್ನು ಪ್ರಶ್ನಿಸುವವರಿಲ್ಲ, ಆದರೂ ಅರಮನೆಯ ಬಾಗಿಲು ತೆರೆಯುವುದೂ ಮುಚ್ಚುವುದೂ ಅವರ ಮಾತಿನಂತೆಯೇ ಎಂದು ಜನರು ನಂಬಿದರು. ಅಧಿಕಾರವುಳ್ಳ, ಆದರೆ ಹೊಣೆಯಿಲ್ಲದ ಈ ಸ್ಥಾನವು ಎಲ್ಲ ಕಾಲದಲ್ಲಿಯೂ ಅಪಾಯಕರವಾದುದು. ಪ್ರಜಾಪ್ರಭುತ್ವದ ಈ ದಿನಗಳಲ್ಲಿಯೂ ಮಂತ್ರಿಗಳ ಸುತ್ತ ಸಲಹೆಗಾರರೆಂಬ ಬಿರುದಿನಿಂದ ಕೂಡಿದ ಮಂದಿ ಕಡಮೆಯಾಗಿಲ್ಲ. ಕಾಗದಕ್ಕೆ ರುಜು ಹಾಕುವ ಅಧಿಕಾರಿಯನ್ನು ನ್ಯಾಯಸ್ಥಾನಕ್ಕೆ ಎಳೆಯಬಹುದು. ಕಿವಿಯಲ್ಲಿ ಉಸುರಿದವನನ್ನು ಎಳೆಯುವುದು ಹೇಗೆ? 1935ರಲ್ಲಿ ಕೋಳಂಚೇರಿಯ ಸಭೆಯಲ್ಲಿ ಈಳವರ ಮುಖಂಡರಾದ ಸಿ. ಕೇಶವನ್ ಅವರು ಈ ಸಲಹೆಗಾರರ ವಿರುದ್ಧವಾಗಿ ಕಟುವಾಗಿ ಮಾತನಾಡಿ ಸೆರೆಮನೆಯನ್ನು ಸೇರಿದರು. ಹುದ್ದೆಯ ಹೊಣೆಯಿಲ್ಲದವರನ್ನು ಟೀಕಿಸಿದುದೂ ರಾಜದ್ರೋಹವಾಯಿತು!

1936ರ ಅಕ್ಟೋಬರಿನಲ್ಲಿ ಅಯ್ಯರವರೇ ದಿವಾನರಾದರು. ಐದು ವಾರಗಳು ಕಳೆಯುವುದರೊಳಗೆ, ನವೆಂಬರ್ 12ರಂದು, ದೇವಾಲಯ ಪ್ರವೇಶದ ಘೋಷಣೆ ಹೊರಟಿತು. ಜಾತಿಯ ಕಾರಣದಿಂದ ಯಾವ ಹಿಂದುವನ್ನೂ ಸರ್ಕಾರದ ಅಧೀನದಲ್ಲಿರುವ ದೇವಾಲಯಗಳಿಂದ ಹೊರಗಿಡಕೂಡದೆಂಬ ಈ ಆಜ್ಞೆಗಾಗಿ ಮಹಾರಾಜರನ್ನೂ ದಿವಾನರನ್ನೂ ದೇಶವು ಕೊಂಡಾಡಿತು, ನಾವೂ ಕೊಂಡಾಡುತ್ತೇವೆ. ವೈಕಂ ಸತ್ಯಾಗ್ರಹದಲ್ಲಿ ಮಳೆಯಲ್ಲಿ ನಿಂತವರ ತಪಸ್ಸೂ, ಮತವನ್ನೇ ಬಿಡುವೆವೆಂದು ಈಳವರು ಹಾಕಿದ ಬೆದರಿಕೆಯೂ ಆ ಘೋಷಣೆಯ ಹಿಂದೆ ಇದ್ದುವೆಂಬುದು ನಿಜ. ಆದರೂ ಮೈಸೂರು ಮೊದಲಾದ ದೊಡ್ಡ ಸಂಸ್ಥಾನಗಳು ಮಾಡದಿದ್ದುದನ್ನು ತಿರುವಾಂಕೂರು ಮಾಡಿತು. 1937ರಲ್ಲಿ ವಿಶ್ವವಿದ್ಯಾನಿಲಯ, 1940ರಲ್ಲಿ ಪಳ್ಳಿವಾಸಲಿನ ವಿದ್ಯುತ್ತು, ರಸಗೊಬ್ಬರದ ಕಾರ್ಖಾನೆ, 1944ರಲ್ಲಿ ಮರಣದಂಡನೆಯ ರದ್ದಿಯಾತಿ — ಒಬ್ಬ ಆಡಳಿತಗಾರನ ಕೀರ್ತಿಗೆ ಇಷ್ಟು ಸಾಲದೆ?

ಸಾಲದೆ ಹೋಯಿತು. 1938ರಲ್ಲಿ ಪಟ್ಟಂ ತಾಣು ಪಿಳ್ಳೆಯವರ ನಾಯಕತ್ವದಲ್ಲಿ ಸ್ಟೇಟ್ ಕಾಂಗ್ರೆಸ್ಸು ಜವಾಬ್ದಾರಿ ಸರ್ಕಾರವನ್ನು ಬೇಡಿ, ದಿವಾನರ ಮೇಲಿನ ದೂರುಗಳನ್ನು ಮಹಾರಾಜರಿಗೆ ಬಿನ್ನವಿಸಿತು. ಉತ್ತರವಾಗಿ ಬಂದುದು ನಿಷೇಧಾಜ್ಞೆ, ಲಾಠಿ, ಆಗಸ್ಟಿನಲ್ಲಿ ನೆಯ್ಯಾಟ್ಟಿನ್‌ಕರೆಯ ಗುಂಡು. ಅದೇ ವರ್ಷದ ಏಪ್ರಿಲಿನಲ್ಲಿ ನಮ್ಮ ವಿದುರಾಶ್ವತ್ಥದಲ್ಲಿಯೂ ಗುಂಡು ಹಾರಿತ್ತೆಂಬುದನ್ನು ವಾಚಕರು ಬಲ್ಲರು. ಸಂಸ್ಥಾನಗಳ ರೋಗವು ಒಂದೇ ಆಗಿತ್ತು. ಕೋಟ್ಟಯಂನ ಮಲಯಾಳ ಮನೋರಮೆಯ ಅಚ್ಚುಕೂಟಕ್ಕೆ ಆ ಸೆಪ್ಟೆಂಬರಿನಲ್ಲಿ ಬೀಗಮುದ್ರೆ ಬಿದ್ದಿತು. ಅದರ ಸಂಪಾದಕರಾದ ಮಾಮ್ಮನ್ ಮಾಪ್ಪಿಳೆಯವರು ಸೆರೆಯನ್ನು ಕಂಡರು. ಅವರಿಗೆ ಸಂಬಂಧಿಸಿದ ಬ್ಯಾಂಕು ಆ ವರ್ಷವೇ ಮುಳುಗಿತು. ಬ್ಯಾಂಕಿನ ವಿಷಯದಲ್ಲಿ ಎರಡು ಪಕ್ಷದ ವಾದಗಳೂ ಉಂಟು, ಅದನ್ನು ನಾವು ತೀರ್ಮಾನಿಸಲಾರೆವು. ಪತ್ರಿಕೆಯ ವಿಷಯದಲ್ಲಿ ಮಾತ್ರ ಎರಡು ಪಕ್ಷಗಳಿಲ್ಲ. ಒಂದು ಪತ್ರಿಕೆಯನ್ನು ನಡೆಸುವುದೆಂದರೆ ಏನೆಂಬುದು, ಕಾಗದದ ಬೆಲೆ, ಮೊಳೆ ಜೋಡಿಸುವವರ ಸಂಬಳ, ಅಂಚೆಯ ಹೊತ್ತು ಇವುಗಳ ಮಧ್ಯೆ ದಿನವನ್ನು ಕಳೆಯುವವರಿಗೆ ಗೊತ್ತು. ಬೀಗ ಬಿದ್ದ ಅಚ್ಚುಕೂಟದಲ್ಲಿ ಒಂಬತ್ತು ವರ್ಷ ಯಂತ್ರವು ತುಕ್ಕು ಹಿಡಿಯುತ್ತದೆ. ಜನರಿಗೆ ಸುದ್ದಿಯ ಬದಲು ಗಾಳಿಮಾತು ದೊರೆಯುತ್ತದೆ. ಸರ್ಕಾರಕ್ಕೆ ತನ್ನ ತಪ್ಪು ತನಗೆ ತಿಳಿಯುವ ದಾರಿಯೇ ಮುಚ್ಚಿಹೋಗುತ್ತದೆ. 1910ರಲ್ಲಿ ಸ್ವದೇಶಾಭಿಮಾನಿ ರಾಮಕೃಷ್ಣ ಪಿಳ್ಳೆಯವರನ್ನು ಗಡೀಪಾರು ಮಾಡಿದ್ದ ಸಂಸ್ಥಾನಕ್ಕೆ ಈ ವಿದ್ಯೆ ಹೊಸದಾಗಿರಲಿಲ್ಲ. ಆದರೆ ಹೋಂರೂಲಿನ ವೀರರು ಅದನ್ನು ಮುಂದುವರಿಸಿದುದು ಶೋಚನೀಯ.

ನಮ್ಮ ಅಭಿಪ್ರಾಯದಲ್ಲಿ ಅಯ್ಯರವರ ಜೀವನದ ಗಂಟು ಇಲ್ಲಿಯೇ ಇದೆ. ವಕೀಲನು ತನ್ನ ಕಕ್ಷಿಗಾರನಿಗಾಗಿ ಮೈಮರೆತು ಹೋರಾಡಬಹುದು. ಏಕೆಂದರೆ ಎದುರಿಗೆ ಇನ್ನೊಬ್ಬ ವಕೀಲನಿರುತ್ತಾನೆ, ಮೇಲೆ ನ್ಯಾಯಾಧೀಶನಿರುತ್ತಾನೆ. ಎದುರು ವಕೀಲನ ಬಾಯಿಗೆ ಬೀಗ ಹಾಕಿಸುವ ಅಧಿಕಾರ ಯಾವ ಬಾರಿನಲ್ಲಿಯೂ ಇಲ್ಲ. ತಿರುವಾಂಕೂರಿನಲ್ಲಿ ಅಯ್ಯರವರು ಸಿಂಹಾಸನದ ವಕಾಲತ್ತನ್ನು ವಹಿಸಿದರು, ಪ್ರತಿಪಕ್ಷದ ವಕೀಲನನ್ನು ಸೆರೆಗೆ ಕಳುಹಿದರು, ತೀರ್ಪನ್ನೂ ತಾವೇ ಬರೆದರು. ಮಹಾರಾಜರೊಬ್ಬರೇ ತಮ್ಮ ಕಕ್ಷಿಗಾರರೆಂದು ಅವರು ತಿಳಿದಿದ್ದರು. ಆ ಸಂಸ್ಥಾನದ ಸುಮಾರು 60 ಲಕ್ಷ ಪ್ರಜೆಗಳು ಅವರ ಲೆಕ್ಕದಲ್ಲಿ ವ್ಯಾಜ್ಯದ ವಸ್ತುವಾಗಿದ್ದರೇ ಹೊರತು ಕಕ್ಷಿಗಾರರಾಗಿರಲಿಲ್ಲ.

1946ರಲ್ಲಿ ಅವರು ಮುಂದಿಟ್ಟ ರಾಜ್ಯಾಂಗ ಸುಧಾರಣೆಯನ್ನು ನೋಡಿದರೆ ಇದು ಸ್ಪಷ್ಟವಾಗುತ್ತದೆ. ವಯಸ್ಕರೆಲ್ಲರಿಗೂ ಮತ ಉಂಟು. ಆದರೆ ಆ ಮತದಿಂದ ದಿವಾನರನ್ನು ಕದಲಿಸುವಂತಿಲ್ಲ. ಇದಕ್ಕೆ ಅಮೆರಿಕಾ ಮಾದರಿಯೆಂದು ಹೆಸರು! ಆ ಮಾದರಿಯನ್ನು ಅರಬ್ಬೀ ಸಮುದ್ರಕ್ಕೆ ಎಸೆಯಿರೆಂದು ಆಲಪ್ಪುಳದ ಕೂಲಿಕಾರರು ಕೂಗಿದರು. ಅಕ್ಟೋಬರಿನಲ್ಲಿ ಪುನ್ನಪ್ರ, ವಯಲಾರುಗಳಲ್ಲಿ ಹರಿದ ರಕ್ತವನ್ನು ಅಳೆದವರು ಇಂದಿಗೂ ಒಂದು ಸಂಖ್ಯೆಗೆ ಬಂದಿಲ್ಲ. ಕೂಲಿಕಾರರ ನಾಯಕರಾದ ಕಮ್ಯೂನಿಸ್ಟರ ಮಾರ್ಗವನ್ನು ನಾವು ಮೆಚ್ಚುವವರಲ್ಲ. ಈಟಿ ಹಿಡಿದವರ ಮೇಲೆ ಮೆಷಿನ್ ಗನ್ನನ್ನು ತಿರುಗಿಸಿದ ಸರ್ಕಾರವನ್ನು ಮೆಚ್ಚುವುದು ಮತ್ತೂ ಅಸಾಧ್ಯ.

1947ರ ಜೂನ್ 11ರಂದು, ಬ್ರಿಟಿಷರ ಸಾರ್ವಭೌಮತ್ವವು ಅಳಿದೊಡನೆ ತಿರುವಾಂಕೂರು ಸ್ವತಂತ್ರ ರಾಜ್ಯವಾಗುವುದೆಂದು ದಿವಾನರು ಸಾರಿದರು. ಕಾನೂನಿನ ಅಕ್ಷರವನ್ನು ಹಿಡಿದರೆ ಅವರ ವಾದದಲ್ಲಿ ಹುರುಳಿತ್ತು: ಸಾರ್ವಭೌಮತ್ವವು ಹೊಸ ಸರ್ಕಾರಗಳಿಗೆ ವರ್ಗವಾಗುವುದಿಲ್ಲವೆಂದು ಬ್ರಿಟಿಷ್ ಸರ್ಕಾರವೇ ಹೇಳಿತ್ತು. ರೇವು ಇದೆ, ವಿದ್ಯುತ್ತಿದೆ, ಕಡಲ ಮರಳಿನಲ್ಲಿ ಥೋರಿಯಂ ಇದೆ ಎಂಬ ಲೆಕ್ಕವೂ ಅವರ ಕೈಯಲ್ಲಿತ್ತು. ಆದರೆ ಆ ಸ್ವಾತಂತ್ರ್ಯವು ಬೇಕೆಂದು ಕೇಳಿದ ಪ್ರಜೆಗಳೆಲ್ಲಿ? ಜುಲೈ 25ರ ಸಂಜೆ ತಿರುವನಂತಪುರದ ಸಂಗೀತ ಸಭೆಯಲ್ಲಿ ಅವರ ಮೇಲೆ ಕತ್ತಿಯ ಪ್ರಹಾರವಾಯಿತು. ಇಂತಹ ಕೃತ್ಯವನ್ನು ನಾವು ಸಂಪೂರ್ಣವಾಗಿ ಖಂಡಿಸುತ್ತೇವೆ. ಆದರೆ ಬೇರೆ ಎಲ್ಲ ಬಾಗಿಲುಗಳನ್ನೂ ಮುಚ್ಚಿದವರು ಯಾರೆಂದು ಕೇಳದಿರಲೂ ಆರೆವು. ಐದು ದಿನಗಳಲ್ಲಿ ಮಹಾರಾಜರು ಭಾರತವನ್ನು ಸೇರಲು ಒಪ್ಪಿದರು. ಹಾಸಿಗೆಯಲ್ಲಿ ಮಲಗಿದ್ದ ದಿವಾನರೂ ಹಾಗೆಯೇ ಸಲಹೆಯಿತ್ತರು. ಆಗಸ್ಟ್ 19ರಂದು ಅವರ ದಿವಾನಗಿರಿ ಮುಗಿಯಿತು. ಮೈಸೂರಿನಲ್ಲಿಯೂ ರಾಮಸ್ವಾಮಿ ಮೊದಲಿಯಾರರು ಜವಾಬ್ದಾರಿ ಸರ್ಕಾರವನ್ನು ಸುಲಭವಾಗಿ ಕೊಡಲಿಲ್ಲ. ಮೈಸೂರು ಚಲೋ ನಡೆಯಿತು, ಸೆರೆಮನೆಗಳು ತುಂಬಿದುವು. ಆದರೆ ಸಂಸ್ಥಾನವು ಆಗಸ್ಟ್ 15ಕ್ಕೆ ಮುಂಚೆಯೇ ಭಾರತವನ್ನು ಸೇರಿತ್ತು, ಅಕ್ಟೋಬರಿನಲ್ಲಿ ಕೆ. ಸಿ. ರೆಡ್ಡಿಯವರ ಮಂತ್ರಿಮಂಡಲವೂ ಬಂದಿತು.

ಸ್ವತಂತ್ರ ಭಾರತವು ಅಯ್ಯರವರ ವಿಷಯದಲ್ಲಿ ಔದಾರ್ಯವನ್ನೇ ತೋರಿತು. ಕಾಶಿಯ ಹಿಂದೂ ವಿಶ್ವವಿದ್ಯಾನಿಲಯದಲ್ಲಿಯೂ ಅಣ್ಣಾಮಲೈಯಲ್ಲಿಯೂ ಅವರು ಉಪಕುಲಪತಿಗಳಾದರು. ರಾಷ್ಟ್ರದ ಏಕತೆ ಮತ್ತು ಪ್ರಾಂತೀಯತೆಗಳ ವಿಚಾರವಾಗಿ ಏರ್ಪಟ್ಟ ಸಮಿತಿಗೆ ಅವರೇ ಅಧ್ಯಕ್ಷರು. ಆ ಸಮಿತಿಯ ಶಿಫಾರಸಿನ ಮೇಲೆ 1963ರಲ್ಲಿ ಸಂವಿಧಾನದ 16ನೆಯ ತಿದ್ದುಪಡಿಯಾಯಿತು. ಚುನಾವಣೆಗೆ ನಿಲ್ಲುವವರೂ ಮಂತ್ರಿಗಳೂ ಭಾರತದ ಸಾರ್ವಭೌಮತ್ವವನ್ನೂ ಅಖಂಡತೆಯನ್ನೂ ಎತ್ತಿಹಿಡಿಯುವುದಾಗಿ ಪ್ರಮಾಣ ಮಾಡಬೇಕೆಂದು ಗೊತ್ತಾಯಿತು. ತಿರುವಾಂಕೂರಿಗೆ ಬೇರೆ ಬಾವುಟವನ್ನು ಬಯಸಿದವರ ಕೈಯಿಂದಲೇ ಈ ಪ್ರಮಾಣದ ಸಲಹೆ ಬಂದಿತು. ಈ ಬಾರಿ ಅವರು ವಾದಿಸಿದುದು ಯಾರ ಪರವಾಗಿಯೆಂಬುದರಲ್ಲಿ ಸಂದೇಹವಿರಲಿಲ್ಲ. 1966ರ ಸೆಪ್ಟೆಂಬರಿನಲ್ಲಿ ಅವರು ಲಂಡನ್ನಿನಲ್ಲಿ ತೀರಿಕೊಂಡರು. ಕೋಟ್ಟಯಂನ ಪತ್ರಿಕೆಯಾದರೋ ಅವರು ತಿರುವಾಂಕೂರನ್ನು ಬಿಟ್ಟ ಮೂರು ತಿಂಗಳ ಮೇಲೆ, 1947ರ ನವೆಂಬರಿನಲ್ಲಿಯೇ, ಮತ್ತೆ ಅಚ್ಚಾಗತೊಡಗಿತ್ತು.